ಸಾಸಿವೆ ಎಲ್ಲಾದರೂ ಮರ ಆಗುತ್ತೇನೋ?

ಜೂನ್ ತಿಂಗಳ ಒಂದು ಭಾನುವಾರ. ಹೊರಗೆ ಜಿಟಿಜಿಟಿ ಮಳೆ, ಚರ್ಚಿನೊಳಗೆ ಒದ್ದೆ ಕೊಡೆಗಳ ವಾಸನೆ. ಅವತ್ತಿನ ಶುಭಸಂದೇಶ ಮಾರ್ಕ ಬರೆದ ಸುವಾರ್ತೆಯ ನಾಲ್ಕನೇ ಅಧ್ಯಾಯದ್ದು, ಸಾಸಿವೆ ಕಾಳಿನ ಸಾಮತಿ, ಅಂದರೆ ಯೇಸು ಹೇಳಿದ ದೃಷ್ಟಾಂತ ಕಥೆ. ಬಿತ್ತುವಾಗ ಅದು ಭೂಮಿಯ ಮೇಲಿನ ಎಲ್ಲ ಬೀಜಗಳಿಗಿಂತ ಚಿಕ್ಕದು. ಬೆಳೆದ ಮೇಲೆ ಆಕಾಶದ ಹಕ್ಕಿಗಳು ಬಂದು ಅದರ ನೆರಳಲ್ಲಿ ಇಳಿದುಕೊಳ್ಳುತ್ತವೆ. ದೇವರ ರಾಜ್ಯವೂ ಹಾಗೇ. ಓದಿದ್ದು ಅಷ್ಟೆ, ಅರ್ಧ ನಿಮಿಷ. ಆಮೇಲೆ ಪ್ರಬೋಧನೆಗೆ ನಿಂತ ಫಾದರ್ ಆ ಕಾಳನ್ನು ಬೆಳೆಸುತ್ತಾ ಹೋದರು. ಮೊದಲು ಗಿಡವಾಯಿತು, ಆಮೇಲೆ ಮರವಾಯಿತು, ಇಪ್ಪತ್ತನೇ ನಿಮಿಷದ ಹೊತ್ತಿಗೆ ನಮ್ಮೂರ ಬಸ್ ಸ್ಟ್ಯಾಂಡಿನ ಆಲದ ಮರದಷ್ಟಾಗಿ ಬಿಳಲು ಬಿಡುವ ಹಂತಕ್ಕೆ ಬಂತು. ಪಕ್ಕದಲ್ಲಿ ಕೂತಿದ್ದ ಅಮ್ಮ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ನನ್ನ ಕಿವಿಯ ಹತ್ತಿರ ಬಗ್ಗಿದಳು.

"ಸಾಸಿವೆ ಎಲ್ಲಾದರೂ ಮರ ಆಗುತ್ತೇನೋ? ಸೊಪ್ಪಲ್ವಾ ಅದು?"

"ಶ್" ಅಂದೆ. ಆದರೆ ಕಾಳು ಆಗಲೇ ಬಿದ್ದಾಗಿತ್ತು.

ಮನೆಗೆ ಬಂದು ನೋಡಿದರೆ ಮಾರ್ಕ ಅಮ್ಮನ ಕಡೆಗೇ ಇದ್ದಾನೆ. ಮಾರ್ಕ ಎಲ್ಲೂ ಮರ ಅನ್ನುವುದೇ ಇಲ್ಲ. ಅವನು ಬಳಸಿದ ಗ್ರೀಕ್ ಪದ 'ಲಾಖನೋನ್', ಅಂದರೆ ಕಾಯಿಪಲ್ಲೆ, ಸೊಪ್ಪುಸದೆ. 'ಸೊಪ್ಪುಗಳಲ್ಲೆಲ್ಲ ದೊಡ್ಡದು' ಅನ್ನುತ್ತಾನೆ, ಅಲ್ಲಿಗೆ ನಿಲ್ಲುತ್ತಾನೆ. ಮರ ಮಾಡಿದವರು ಸುವಾರ್ತೆ ಬರೆದ ಇನ್ನಿಬ್ಬರು, ಮತ್ತಾಯ ಮತ್ತು ಲೂಕ. ಒಂದೇ ಕಾಳನ್ನು ಮೂವರೂ ಮೂರು ಕಡೆ ಬಿತ್ತಿದ್ದಾರೆ. ಮಾರ್ಕನದು ಬರೀ ಮಣ್ಣಿಗೆ, ಮತ್ತಾಯನದು ಹೊಲಕ್ಕೆ, ಲೂಕನದು ತೋಟಕ್ಕೆ. ಮಾರ್ಕನ ಹಕ್ಕಿಗಳು ಗಿಡದ ನೆರಳಲ್ಲಿ ಕೂರುತ್ತವೆ, ಉಳಿದಿಬ್ಬರ ಹಕ್ಕಿಗಳು ಕೊಂಬೆಗೇ ಹತ್ತಿವೆ. ಒಂದು ಕಥೆ ಮೂರು ಬಾಯಿ ದಾಟುವಷ್ಟರಲ್ಲಿ ಇಷ್ಟು ಎತ್ತರ ಬೆಳೆಯುವುದಾದರೆ ಸಾವಿರಾರು ವರ್ಷ ಸಾವಿರಾರು ಪೀಠಗಳನ್ನು ದಾಟಿದ ಮೇಲೆ ಬಿಳಲು ಬಿಟ್ಟದ್ದರಲ್ಲಿ ನಮ್ಮ ಫಾದರ್ ತಪ್ಪೇನೂ ಕಾಣುವುದಿಲ್ಲ.

ಯೇಸು ಓಡಾಡಿದ ಗಲಿಲಾಯ ಸೀಮೆಯ ಕಪ್ಪು ಸಾಸಿವೆ ನಮ್ಮ ಡಬ್ಬಿಯ ಸಾಸಿವೆಗೆ ದಾಯಾದಿ. ಎತ್ತರದಲ್ಲಿ ಆಳನ್ನು ಮೀರಿಸುತ್ತದೆ. ಮಣ್ಣು ಚೆನ್ನಾಗಿದ್ದರೆ 8–10 ಅಡಿ ಹೋಗುವುದೂ ಉಂಟು. ಆದರೆ ವರ್ಷಕ್ಕೆ ಒಂದೇ ಬೆಳೆ. ಬಿಸಿಲು ಏರಿದ ಮೇಲೆ ಒಣಗಿ ಕಡ್ಡಿಯಾಗುತ್ತದೆ. ಅದರಲ್ಲಿ ಗೂಡು ಕಟ್ಟುವ ಹಕ್ಕಿಗೆ ಮನೆ ಬದಲಿಸುವ ಅಭ್ಯಾಸ ಇರಬೇಕು. (ಎಂಟಡಿ ಅಂದಾಗ ಹಂಪಿ ನೆನಪಾಗುತ್ತದೆ. ಅಲ್ಲಿನ ಸಾಸಿವೆಕಾಳು ಗಣೇಶನ ಎತ್ತರವೂ ಸುಮಾರು ಎಂಟಡಿಯೇ. ಸಾಸಿವೆಯನ್ನು ದೊಡ್ಡದು ಮಾಡುವ ಚಾಳಿ ಬರೀ ಪ್ರಬೋಧನೆಕಾರರಿಗೆ ಮಾತ್ರ ಇರುವುದಲ್ಲ.)

ಮರ ಬೇಕೇ ಬೇಕು ಅನ್ನುವ ವ್ಯಾಖ್ಯಾನಕಾರರು ಮಾಡದ ಸಾಹಸವಿಲ್ಲ. ಇದು ಸಾಸಿವೆಯೇ ಅಲ್ಲ, ಹಲ್ಲುಜ್ಜುವ ಕಡ್ಡಿಗೆ ಬಳಸುತ್ತಾರಲ್ಲ, ಆ ಮಿಸ್ವಾಕ್ ಗಿಡ ಅಂದವರಿದ್ದಾರೆ. ಇನ್ನೊಂದು ಗುಂಪಿಗೆ ಬೀಜದ್ದೇ ಚಿಂತೆ. ಆರ್ಕಿಡ್ ಬೀಜ ಸಾಸಿವೆಗಿಂತ ಎಷ್ಟೋ ಚಿಕ್ಕದು, ಧೂಳಿನ ಹಾಗಿರುತ್ತದೆ. ಹಾಗಾದರೆ ಯೇಸು ಹೇಳಿದ್ದು ತಪ್ಪೇ ಎಂದು ಒಬ್ಬರು, ಅಲ್ಲ, ರೈತ ಬಿತ್ತುವ ಬೀಜಗಳಲ್ಲಿ ಚಿಕ್ಕದು ಎಂದು ಅರ್ಥ ಎಂದು ಇನ್ನೊಬ್ಬರು. 'ನಿನಗೆ ಸಾಸಿವೆಯಷ್ಟಾದರೂ ಬುದ್ಧಿ ಇದೆಯೇನೋ' ಎಂದು ಅಪ್ಪ ಬೈದರೆ ನಾವು ತಕ್ಕಡಿ ತರಲು ಓಡುವುದಿಲ್ಲ. ಗಲಿಲಾಯದಲ್ಲೂ ಸಾಸಿವೆ ಅಂದರೆ ಆಡುಮಾತಿನ ಅಳತೆ. ಅದೇ ಸಾಸಿವೆಯಷ್ಟು ನಂಬಿಕೆ ಇದ್ದರೆ ಬೆಟ್ಟವನ್ನೇ ಸರಿಸಬಹುದು ಎಂದು ಮತ್ತಾಯನಲ್ಲಿ ಇನ್ನೊಂದು ಕಡೆ ಬರುತ್ತದೆ. ನಮ್ಮ ಕಡೆ ಬೆಟ್ಟ ಸರಿಸಲು ನಂಬಿಕೆ ಬೇಕಾಗಿಲ್ಲ, ಒಂದು ಜೆಸಿಬಿ ಸಾಕು. ಅದು ಬೇರೆ ಮಾತು.

ನನಗೆ ಇದರಲ್ಲಿ ರುಚಿ ಹತ್ತಿದ್ದು ಬೈಬಲಿನ ಮೊದಲ ಭಾಗವಾದ ಹಳೆಯ ಒಡಂಬಡಿಕೆಯ ಎರಡು ಮರಗಳನ್ನು ಕಂಡ ಮೇಲೆ. ಪ್ರವಾದಿ ಎಜೆಕಿಯೇಲನ ಗ್ರಂಥದಲ್ಲಿ ದೇವರು ದೇವದಾರಿನ ಒಂದು ಚಿಗುರನ್ನು ಚಿವುಟಿ ಎತ್ತರದ ಬೆಟ್ಟದ ಮೇಲೆ ನೆಡುತ್ತಾನೆ, ಅದು ಭವ್ಯ ಮರವಾಗಿ ಎಲ್ಲ ಜಾತಿಯ ಹಕ್ಕಿಗಳಿಗೂ ನೆರಳಾಗುತ್ತದೆ. ದಾನಿಯೇಲನ ಗ್ರಂಥದಲ್ಲಿ ಬಾಬಿಲೋನಿನ ರಾಜ ನೆಬೂಕದ್ನೆಚ್ಚರನ ಕನಸಿಗೆ ಬಂದದ್ದೂ ಆಕಾಶ ಮುಟ್ಟುವ ಮರವೇ, ಅದರಲ್ಲೂ ಹಕ್ಕಿಗಳು. ಅಂದರೆ ಆ ಜನಕ್ಕೆ ರಾಜ್ಯ ಅಂದರೆ ಮರ. ಅದೂ ಲೆಬನೋನಿನ ದೇವದಾರಿನಂಥ ಮರ. 'ದೇವರ ರಾಜ್ಯವನ್ನು ಯಾವುದಕ್ಕೆ ಹೋಲಿಸೋಣ?' ಎಂದು ಯೇಸು ಕೇಳಿ ಒಂದು ಕ್ಷಣ ತಡೆದಾಗ, ಕೆರೆಯಂಥ ಗಲಿಲಾಯ ಸಮುದ್ರದ ದಡದಲ್ಲಿ ಕೂತ ಬೆಸ್ತರು, ರೈತರು ಎಲ್ಲರ ಬಾಯಲ್ಲೂ ಉತ್ತರ ಸಿದ್ಧವಾಗಿದ್ದಿರಬೇಕು. ಆತ ಹೇಳಿದ್ದು ಸಾಸಿವೆ! ದಸರೆಯಲ್ಲಿ ಅಂಬಾರಿ ಆನೆ ನೋಡಲು ಬೆಳಗಿನಿಂದ ಕಾದು ನಿಂತವರ ಮುಂದೆ ಕತ್ತೆ ನಡೆದುಬಂದ ಹಾಗೆ. (ಆಮೇಲೆ ಯೆರೂಸಲೇಮಿಗೆ ಆತ ಬಂದದ್ದೂ ಕತ್ತೆಯ ಮೇಲೆಯೇ.) ಅಲ್ಲಿ ಯಾರಾದರೂ ಕಿಸಕ್ಕನೆ ನಕ್ಕಿರಲೇಬೇಕು ಅಂತ ನನ್ನ ಗುಮಾನಿ. ಸುವಾರ್ತೆ ಬರೆದವರು ನಗುವನ್ನು ಬರೆದಿಡಲಿಲ್ಲ, ಅಷ್ಟೆ.

ಅದೂ ಎಂಥ ಗಿಡ! ರೋಮಿನ ಪ್ಲಿನಿ ಎಂಬಾತ ಅದೇ ಮೊದಲನೇ ಶತಮಾನದಲ್ಲಿ ಗೊಣಗಿದ್ದಾನೆ: ಸಾಸಿವೆಯನ್ನು ಒಮ್ಮೆ ಬಿತ್ತಿದರೆ ಆ ಜಾಗದಿಂದ ತೊಲಗಿಸುವುದು ಕಷ್ಟ, ಕಾಳು ಬಿದ್ದದ್ದೇ ತಡ ಮೊಳೆಯುತ್ತದೆ. ಕ್ರಿ.ಶ. 200ರ ಸುಮಾರಿಗೆ ಸಂಗ್ರಹವಾದ ಯೆಹೂದ್ಯರ ಧರ್ಮನಿಯಮಗಳ ಗ್ರಂಥ ಮಿಷ್ನಾದಲ್ಲಿ ಕೈತೋಟದ ಪಾತಿಯಲ್ಲಿ ಸಾಸಿವೆ ಹಾಕಬಾರದೆಂಬ ನಿಯಮವಿದೆ, ಪಾತಿ ಬೆರಕೆಯಾಗಬಾರದಲ್ಲ. ಹಾಗಿದ್ದರೆ ಲೂಕನ ಕಥೆಯ ಮನುಷ್ಯ ತನ್ನ ತೋಟಕ್ಕೆ ಸಾಸಿವೆ ಎಸೆದದ್ದು ಪಕ್ಕದ ಮನೆಯವರ ಹುಬ್ಬೇರಿಸುವ ಕೆಲಸ. ಬೇಲಿ ಕೇಳದ, ಹೇಳಿದ ಮಾತು ಕೇಳದ ಗಿಡ. ಇದು ಗೊತ್ತಾದ ಮೇಲೆ 'ಚಿಕ್ಕದಾಗಿ ಶುರುಮಾಡಿ, ದೊಡ್ಡದಾಗಿ ಬೆಳೆಯಿರಿ' ಎಂಬ ಬ್ಯಾಂಕ್ ಜಾಹೀರಾತಿನ ಅರ್ಥ ನನಗೆ ಸಪ್ಪೆ ಅನಿಸತೊಡಗಿತು.

ತಮಾಷೆ ಏನೆಂದರೆ, ಯೇಸು ಶಿಷ್ಯರಿಗೆ ಏಕಾಂತದಲ್ಲಿ ಎಲ್ಲವನ್ನೂ ಬಿಡಿಸಿ ಹೇಳುತ್ತಿದ್ದ ಎಂದು ಮಾರ್ಕನೇ ಬರೆಯುತ್ತಾನೆ. ಆದರೆ ಬಿತ್ತುವವನ ಕಥೆ, ಗೋಧಿ ಮತ್ತು ಕಳೆಯ ಕಥೆಯಂಥ ಕೆಲವಕ್ಕೆ ಬಿಟ್ಟರೆ ಆ ವಿವರಣೆ ನಮ್ಮ ಕೈಗೆ ಬಂದಿಲ್ಲ. ಉತ್ತರ ಪತ್ರಿಕೆ ಕಳೆದುಹೋದ ಪರೀಕ್ಷೆ ಇದು, ಮೇಷ್ಟ್ರುಗಳಿಗೆಲ್ಲ ಹಬ್ಬ. ಕಳ್ಳರ ಏಟು ತಿಂದು ದಾರಿಯಲ್ಲಿ ಬಿದ್ದವನನ್ನು ಎತ್ತಿ ಛತ್ರಕ್ಕೆ ಸೇರಿಸಿದ ಸಮಾರ್ಯದವನ ಕಥೆಯನ್ನು ಸಂತ ಅಗಸ್ಟೀನ್ ಬಿಡಿಸಿದ ರೀತಿ ನೋಡಿ. ಯೆರೂಸಲೇಮಿನಿಂದ ಜೆರಿಕೋಗೆ ಇಳಿಯುತ್ತಿದ್ದವನು ಆದಾಮ. ಕಳ್ಳರು ಅಂದರೆ ಸೈತಾನ ಮತ್ತು ಅವನ ಪರಿವಾರ. ಗಾಯಕ್ಕೆ ಹೊಯ್ದ ಎಣ್ಣೆ ಭರವಸೆಯ ಸಾಂತ್ವನ. ಛತ್ರವೇ ಧರ್ಮಸಭೆ. ಛತ್ರದ ಯಜಮಾನ ಯಾರು ಅಂದುಕೊಂಡಿರಿ? ಸಾಕ್ಷಾತ್ ಸಂತ ಪೌಲ! ಓದುವಾಗ ಬೆರಗಾಗುತ್ತದೆ, ಸುಳ್ಳಲ್ಲ. ಆದರೆ ದಾರಿ ಬದಿಯಲ್ಲಿ ರಕ್ತ ಸುರಿಸಿಕೊಂಡು ಬಿದ್ದಿದ್ದವನು ಎಲ್ಲಿ ಹೋದ ಎಂದು ಹುಡುಕಬೇಕಾಗುತ್ತದೆ. ಆ ದಾರಿಯೋ ನಿಜವಾದ ದಾರಿ. 27 ಕಿಲೋಮೀಟರಿನ ಆಸುಪಾಸು, ಅಷ್ಟರಲ್ಲೇ ಸುಮಾರು 1,000 ಮೀಟರ್ ಇಳಿಜಾರು, ಕಳ್ಳರಿಗೆ ಹೇಳಿ ಮಾಡಿಸಿದ ಬೋಳುಗುಡ್ಡಗಳು. ಹತ್ತೊಂಬತ್ತನೇ ಶತಮಾನದ ಕೊನೆಗೆ ಜರ್ಮನಿಯ ಅಡಾಲ್ಫ್ ಯೂಲಿಷರ್ ಎಂಬ ಪಂಡಿತ ಈ ಬಿಡಿಸಾಟಕ್ಕೆಲ್ಲ ತಡೆ ಹಾಕಿ, ಒಂದು ಸಾಮತಿಗೆ ಒಂದೇ ಹೋಲಿಕೆ, ಒಂದೇ ಅರ್ಥ ಎಂದ. ಅದು ಇನ್ನೊಂದು ತುದಿ. ಒಂದೇ ಅರ್ಥ ಹೇಳಬೇಕಿದ್ದರೆ ಕಥೆ ಯಾಕೆ ಕಟ್ಟಬೇಕಿತ್ತು, ಗಾದೆ ಸಾಕಿತ್ತಲ್ಲ.

ಹಳೆಯ ವ್ಯಾಖ್ಯಾನಕಾರರಲ್ಲಿ ಅಮ್ಮನಿಗೆ ಹಿಡಿಸಿದವರು ಒಬ್ಬರೇ, ನಾಲ್ಕನೇ ಶತಮಾನದ ಮಿಲಾನಿನ ಬಿಷಪ್ ಅಂಬ್ರೋಸ್. ಸಾಸಿವೆಯ ಗುಣ ಅರೆದಾಗಲೇ ಹೊರಬರುವುದು, ನಮ್ಮ ಹುತಾತ್ಮರೂ ಹಾಗೆಯೇ, ಹಿಂಸೆ ಅವರನ್ನು ಜಜ್ಜಿದ ಮೇಲೆ ಅವರ ನಂಬಿಕೆಯ ಪರಿಮಳ ಲೋಕಕ್ಕೆಲ್ಲ ಹರಡಿತು ಎಂದು ಅವರು ಬರೆದಿದ್ದಾರೆ. ಇದನ್ನು ಓದಿ ಹೇಳಿದಾಗ ಅಮ್ಮ ಮಾವಿನಹಣ್ಣಿನ ಸಾಸಿವೆಗೆ ಅರೆಯುತ್ತಿದ್ದಳು. ಸೀಸನ್ನಿನ ಕೊನೆಯ ಕಾಡುಮಾವು. ತೆಂಗಿನತುರಿ, ಒಣಮೆಣಸು, ಅದಕ್ಕೆ ಅರ್ಧ ಚಮಚ ಹಸಿ ಸಾಸಿವೆ. ಇಡೀ ಕಾಳನ್ನು ಮೂಸಿದರೆ ಏನೂ ಇಲ್ಲ, ಮಣ್ಣಿನ ಹಾಗೆ ತೆಪ್ಪಗಿರುತ್ತದೆ. ನೀರು ಚಿಮುಕಿಸಿ ಗುಂಡುಕಲ್ಲು ನಾಲ್ಕು ಸುತ್ತು ತಿರುಗಿತೋ ಇಲ್ಲವೋ, ಘಾಟು ನೇರ ಮೂಗಿನ ಬುಡಕ್ಕೆ ಹೋಗಿ ಕಣ್ಣಲ್ಲಿ ನೀರು. "ಈ ಬಿಷಪ್ಪು ಅಡುಗೆಮನೆಗೆ ಬಂದಿದ್ದಾರೆ ಕಣೋ" ಅಂದಳು ಅಮ್ಮ. ಆಕೆಯ ಬಾಯಿಂದ ಅದಕ್ಕಿಂತ ದೊಡ್ಡ ಪ್ರಶಸ್ತಿ ನಾನು ಕೇಳಿಲ್ಲ.

ಅಡುಗೆಮನೆಯ ಬಾಗಿಲು ತೆರೆದರೆ ಇನ್ನೂ ಒಂದು ಸಿಕ್ಕುತ್ತದೆ. ಮತ್ತಾಯ, ಲೂಕ ಇಬ್ಬರಲ್ಲೂ ಸಾಸಿವೆಯ ಬೆನ್ನಿಗೇ ಹುಳಿಹಿಟ್ಟಿನ ಕಥೆ ಇದೆ. ಹೆಂಗಸೊಬ್ಬಳು ಮೂರು ಅಳತೆ ಹಿಟ್ಟಿನಲ್ಲಿ ಒಂದಿಷ್ಟು ಹುಳಿ ಅಡಗಿಸಿಟ್ಟಳು, ಹಿಟ್ಟೆಲ್ಲ ಹುಳಿಯಾಯಿತು. ಅದು ಈಗಿನ ಯೀಸ್ಟ್ ಪೊಟ್ಟಣವಲ್ಲ, ಹಿಂದಿನ ಸಲ ನಾದಿದ್ದರಲ್ಲಿ ಎತ್ತಿಟ್ಟ ಹುಳಿ ಮುದ್ದೆ. ಅದಕ್ಕೆ ಕನ್ನಡದ 'ಹುಳಿಹಿಟ್ಟು' ಎಷ್ಟು ಚೆನ್ನಾಗಿ ಕೂತಿದೆ! ಹಾಲಿಗೆ ಹೆಪ್ಪು ಹಾಕುವ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ. ಹೇಳಬೇಕಾದದ್ದು ಅಳತೆಯನ್ನು. ಮೂರು ಅಳತೆ ಅಂದರೆ ಸುಮಾರು 40 ಲೀಟರ್ ಹಿಟ್ಟು, ನೂರಕ್ಕೂ ಮೇಲ್ಪಟ್ಟ ಜನರ ಊಟ. ಅಮ್ಮನಿಗೆ ಹೇಳಿದೆ. "ಒಬ್ಬಳೇ ನಾದಿದ್ಳಾ?" ಅಂದಳು. ಎಷ್ಟೋ ವ್ಯಾಖ್ಯಾನ ಓದಿದ್ದೇನೆ, ಹಿಟ್ಟಿನ ಬಗ್ಗೆ, ಹುಳಿಯ ಬಗ್ಗೆ ಪುಟಗಟ್ಟಲೆ ಬರೆದವರಿದ್ದಾರೆ; ಆ ಹೆಂಗಸಿನ ರಟ್ಟೆ ನೋವಿನ ಬಗ್ಗೆ ಬರೆದವರು ನನಗಿನ್ನೂ ಸಿಕ್ಕಿಲ್ಲ.

ಇನ್ನು ಉಳಿದದ್ದು ಹಕ್ಕಿಗಳು. ಅವು ಲೋಕದ ಜನಾಂಗಗಳೆಲ್ಲ ಬಂದು ಆಸರೆ ಪಡೆಯುವುದರ ಗುರುತು ಎನ್ನುವುದು ರೂಢಿಯ ಅರ್ಥ, ನಮ್ಮ ಫಾದರ್ ಹೇಳಿದ್ದೂ ಅದನ್ನೇ. ಆದರೆ ಮಾರ್ಕನ ಅದೇ ಅಧ್ಯಾಯದ ಆರಂಭದಲ್ಲಿ, ಬಿತ್ತುವವನ ಕಥೆಯಲ್ಲಿ, ದಾರಿ ಬದಿಗೆ ಬಿದ್ದ ಬೀಜವನ್ನು ಹೆಕ್ಕಿ ತಿಂದದ್ದೂ ಹಕ್ಕಿಗಳೇ, ಮತ್ತು ಆ ಹಕ್ಕಿ ಸೈತಾನ ಎಂದು ಅಲ್ಲೇ ವಿವರಣೆಯೂ ಇದೆ. ಇದನ್ನು ಹಿಡಿದುಕೊಂಡು, ಸಾಸಿವೆ ಗಿಡದ ಹಕ್ಕಿಗಳೂ ದುಷ್ಟರೇ, ಸಭೆಯೊಳಗೆ ಸೇರಿಕೊಂಡ ಕೆಡುಕರು ಎಂದು ವಾದಿಸುವ ಪಂಥವೂ ಇದೆ. ಪಾಪ, ಕೂತು ಸುಧಾರಿಸಿಕೊಳ್ಳಲು ಬಂದ ಹಕ್ಕಿಗಳ ಚಾರಿತ್ರ್ಯದ ಮೇಲೆ ಎಂಥ ಆರೋಪ ಎಂದು ನಾನು ಅವುಗಳ ಪರವಾಗಿಯೇ ಇದ್ದೆ. ಹಿತ್ತಲಿನ ಪ್ರಸಂಗ ನಡೆಯುವ ತನಕ.

ಅಮ್ಮ ಸಾಸಿವೆ ಕೇರಿ ಮೊರದಲ್ಲುಳಿದ ಕಸವನ್ನು ಕೊತ್ತಂಬರಿ ಪಾತಿಯ ಕಡೆ ಕೊಡವುವುದು ಮೊದಲಿಂದಲೂ ಇದ್ದದ್ದೇ. ಮಳೆಗಾಲ ಮುಗಿಯುವ ಹೊತ್ತಿಗೆ ಕೊತ್ತಂಬರಿಯ ನಡುವೆ ಸಾಸಿವೆ ಎದ್ದಿತ್ತು. ಕಿತ್ತಳು. ಮತ್ತೆ ಎದ್ದಿತು. ಪ್ಲಿನಿ ಹೇಳಿದ್ದನ್ನು ಹೇಳಿದೆ, "ಅವನ ಹಿತ್ತಲಲ್ಲೂ ಇದೇ ಗೋಳಾ" ಎಂದು ಇನ್ನೊಂದಿಷ್ಟು ಕಿತ್ತಳು. ಮೂಲೆಯಲ್ಲಿ ಒಂದೇ ಒಂದು ಕಣ್ಣು ತಪ್ಪಿಸಿಕೊಂಡು ಎದೆಮಟ್ಟ ಬೆಳೆದು ಹೂ ಬಿಟ್ಟಿತು. ಹಳದಿ ಹೂ, ನಾಲ್ಕೇ ಎಸಳು, ಶಿಲುಬೆಯ ಹಾಗೆ ಎದುರುಬದಿರು. ಸಸ್ಯಶಾಸ್ತ್ರದವರು ಈ ಮನೆತನಕ್ಕೆ ಮೊದಲು ಇಟ್ಟಿದ್ದ ಹೆಸರು ಕ್ರೂಸಿಫೆರೆ, ಶಿಲುಬೆ ಹೊತ್ತವರು ಅಂತ ಅರ್ಥ. ಎಲೆಕೋಸು, ಮೂಲಂಗಿ ಎಲ್ಲ ಅದೇ ವಂಶ. ಅಮ್ಮನಿಗೆ ಹೂ ತೋರಿಸಿ ಹೇಳಿದ್ದೇ ತಪ್ಪಾಯಿತು, ಆ ಗಿಡಕ್ಕೆ ಜೀವದಾನ ಸಿಕ್ಕಿತು. ದಿನಾ ಬಟ್ಟಲಲ್ಲಿ ನೀರು ಬೇರೆ.

ಕಾಯಿ ಬಲಿತು ಬಣ್ಣ ತಿರುಗುವಾಗ ಒಂದು ಬೆಳಿಗ್ಗೆ ಹಿತ್ತಲಲ್ಲಿ ಗಲಾಟೆ. ಹೋಗಿ ನೋಡಿದರೆ ನಾಲ್ಕು ಗಿಳಿಗಳು. ಗಿಡ ಅವುಗಳ ಭಾರಕ್ಕೆ ಬಾಗಿ ನೆಲ ಮುಟ್ಟಿತ್ತು. ಗೂಡೂ ಇಲ್ಲ, ನೆರಳೂ ಇಲ್ಲ, ಒಂದೊಂದು ಕಾಯನ್ನೂ ಕೊಕ್ಕಿನಲ್ಲಿ ಸೀಳಿ ಕಾಳು ತೆಗೆಯುತ್ತಿದ್ದವು.

"ಅಮ್ಮಾ, ಆಕಾಶದ ಹಕ್ಕಿಗಳು ಬಂದಿವೆ" ಎಂದೆ.

"ಮುಚ್ಕೊಂಡು ಟವೆಲ್ ಕೊಡೋ" ಎಂದು ನನ್ನ ಹೆಗಲಿನದನ್ನೇ ಕಿತ್ತುಕೊಂಡು "ಹುಶ್! ಹುಶ್!" ಎಂದು ಬೀಸುತ್ತಾ ಅಮ್ಮ ಓಡಿದಳು. ಮೂರು ಹಾರಿ ಕಣ್ಮರೆಯಾದವು. ನಾಲ್ಕನೆಯದು ಕಾಂಪೌಂಡ್ ಗೋಡೆಯ ಮೇಲೆ ಕೂತು, ಒಂದು ಕಾಲಲ್ಲಿ ಕಾಯಿ ಹಿಡಿದುಕೊಂಡು, ಅಮ್ಮನನ್ನೇ ನೋಡುತ್ತಾ, ಅರ್ಧ ತಿನ್ನುತ್ತಾ ಅರ್ಧವನ್ನು ಆಚೆ ಮನೆಯವರ ಪಾತಿಗೆ ಉದುರಿಸುತ್ತಿತ್ತು.