ಉಪ್ಪಿಟ್ಟು ನಾಲ್ಕು ಚೂರು

“ನೀರಿನ ತೊಟ್ಟಿ ತೊಳೆಸುತ್ತಿರುವುದರಿಂದ ನಾಳೆ ಬೆಳಿಗ್ಗೆ 8ರಿಂದ 11ರವರೆಗೆ ನೀರು ಬರುವುದಿಲ್ಲ. ನಿವಾಸಿಗಳೆಲ್ಲರೂ ಇಂದೇ ಬಕೆಟ್‌ಗಳಲ್ಲಿ ತುಂಬಿಸಿಟ್ಟುಕೊಳ್ಳತಕ್ಕದ್ದು.”

ಅಪಾರ್ಟ್‌ಮೆಂಟಿನ ಲಿಫ್ಟಿನ ಪಕ್ಕ ಅಂಟಿಸುವ ನೋಟಿಸು, ಎರಡೇ ವಾಕ್ಯ. ಟೈಪ್ ಮಾಡಿ ತಲೆಯೆತ್ತುವಷ್ಟರಲ್ಲಿ ಪರದೆಯ ಉದ್ದಕ್ಕೂ ಕೆಂಪು ಗೆರೆ. ‘ನಾಳೆ’ ಮತ್ತು ‘ನೀರು’ ಎಂಬೆರಡು ಪದಗಳಿಗೆ ಮಾತ್ರ ಮಾಫಿ, ಮಿಕ್ಕವಕ್ಕೆಲ್ಲ ಶಿಕ್ಷೆ. ಎಸ್ಸೆಸ್ಸೆಲ್ಸಿಯಲ್ಲಿ ಕನ್ನಡಕ್ಕೆ 125ಕ್ಕೆ 118 ತೆಗೆದವರಿಗೂ ಆ ಗೆರೆ ನೋಡಿದರೆ ಅನುಮಾನ ಶುರುವಾಗುತ್ತದೆ: ‘ತೊಳೆಸುತ್ತಿರುವುದರಿಂದ’ ಅನ್ನೋದು ಸರಿ ತಾನೇ? ಅಥವಾ ಇಷ್ಟು ವರ್ಷ ತಪ್ಪೇ ಬರೆದೆವಾ?

ಸರಿಯಾಗಿಯೇ ಇದೆ. ತಪ್ಪಿರುವುದು ಬೇರೆ ಕಡೆ.

ಗೆರೆ ಎಳೆಯುವ ಮಹಾಶಯನ ಹೆಸರು ಹನ್‌ಸ್ಪೆಲ್. ದಾಖಲೆ ಬರೆಯುವ ಲಿಬ್ರೆಆಫೀಸ್, ಜಾಲತಾಣ ತೋರಿಸುವ ಫೈರ್‌ಫಾಕ್ಸ್‌ಗಳ ಹೊಟ್ಟೆಯೊಳಗೆ ಕೂತು ಕಾಗುಣಿತ ನೋಡುವ ಲೈಬ್ರರಿ ಇದು, ಅಂದರೆ ಬೇರೆ ಪ್ರೋಗ್ರಾಮುಗಳು ಎರವಲು ಪಡೆಯುವ ಕೋಡು. ಲಾಸ್ಲೋ ನೇಮೆತ್ ಎಂಬವರು ಹಂಗೇರಿಯನ್ ಭಾಷೆಗೆಂದು ಕಟ್ಟಿದ್ದು. ಅದಕ್ಕೆ ಕನ್ನಡ ಗೊತ್ತಿಲ್ಲ, ಹಾಗೆ ನೋಡಿದರೆ ಯಾವ ಭಾಷೆಯೂ ಗೊತ್ತಿಲ್ಲ. ನಾವು ಕೊಟ್ಟ ಎರಡು ಫೈಲು ಓದುತ್ತದೆ, ಅಷ್ಟೆ. ಒಂದು ಡಾಟ್ ಡಿಐಸಿ, ಅಂದರೆ ಪದಗಳ ಪಟ್ಟಿ. ಇನ್ನೊಂದು ಡಾಟ್ ಎಎಫ್ಎಫ್, ಅಂದರೆ ಪದಕ್ಕೆ ಯಾವ ಬಾಲ ಎಲ್ಲಿ ಅಂಟುತ್ತದೆ ಎಂಬ ನಿಯಮಗಳು. ಪಟ್ಟಿಯ ಮೊದಲ ಸಾಲಿನಲ್ಲಿ ಒಟ್ಟು ಎಷ್ಟು ಪದ ಎಂಬ ಅಂದಾಜು ಸಂಖ್ಯೆ ಇರಲೇಬೇಕು. ಅದನ್ನು ಮರೆತು ನೇರವಾಗಿ ‘ಅಕ್ಕ’ ಎಂದು ಶುರುಮಾಡಿದರೆ ಹನ್‌ಸ್ಪೆಲ್ ಅಕ್ಕನನ್ನೇ ಸಂಖ್ಯೆ ಅಂದುಕೊಂಡು, ಲೆಕ್ಕ ಸರಿಯಿಲ್ಲ ಎಂದು ರಗಳೆ ತೆಗೆಯುತ್ತದೆ.

ನಿಜವಾದ ಮಜಾ ಇರುವುದು ಬಾಲದ ಫೈಲಿನಲ್ಲಿ. ಅಲ್ಲಿ ಪ್ರತಿ ನಿಯಮಕ್ಕೂ ಒಂದು ಸಾಲು: ಕೊನೆಯಿಂದ ಏನು ಕಿತ್ತುಹಾಕಬೇಕು, ಅಲ್ಲಿ ಏನು ಅಂಟಿಸಬೇಕು, ಪದ ಯಾವುದರಲ್ಲಿ ಮುಗಿದಿದ್ದರೆ ಇದು ಲಾಗು. ‘ಮನೆ’ಗೆ ಏನೂ ಕೀಳಬೇಡ, ‘ಯನ್ನು’ ಅಂಟಿಸು. ‘ಮರ’ಕ್ಕೆ ‘ವನ್ನು’. ‘ಊರು’ವಿನ ಕೊನೆಯ ಕೊಂಬು ಕಿತ್ತು ‘ನ್ನು’ ಅಂಟಿಸು, ‘ಊರನ್ನು’ ಸಿದ್ಧ. ಕೊಂಬು ಕಿತ್ತ ಕೂಡಲೇ ರಕಾರದೊಳಗೆ ಅಡಗಿ ಕೂತ ಅಕಾರ ತಾನೇ ಎದ್ದು ಬರುತ್ತದೆ, ಅದನ್ನು ಬೇರೆ ಬರೆಯಬೇಕಾಗಿಲ್ಲ. ಆಗಮ, ಲೋಪ ಎಂದು ಹೈಸ್ಕೂಲಿನಲ್ಲಿ ಬಾಯಿಪಾಠ ಮಾಡಿದ್ದು ಕೊನೆಗೂ ಒಂದು ಉಪಯೋಗಕ್ಕೆ ಬಂತಲ್ಲ ಎಂದು ಖುಷಿಪಡುವ ಹೊತ್ತಿಗೆ ‘ಗುರು’ ಬರುತ್ತಾನೆ.

ಗುರುವೂ ಕೊಂಬಿನಲ್ಲೇ ಮುಗಿಯುತ್ತಾನೆ. ಹಾಗಾಗಿ ಊರಿನ ನಿಯಮವೇ ಅವನಿಗೂ. ಕೊಂಬು ಕಿತ್ತು ‘ನ್ನು’ ಅಂಟಿಸಿದರೆ ‘ಗುರನ್ನು’! ಹನ್‌ಸ್ಪೆಲ್ ಪಾಲಿಗೆ ಇದು ಶುದ್ಧ ಕನ್ನಡ. ನೀವು ‘ಗುರುವನ್ನು’ ಎಂದು ಬರೆದರೆ ಕೆಂಪು ಗೆರೆ. ಹಸು, ಕರು, ಮಗು, ಪಶು ಎಲ್ಲರದ್ದೂ ಇದೇ ಗತಿ. ಎರಡೇ ಅಕ್ಷರವಿದ್ದು, ಮೊದಲನೆಯದು ಹ್ರಸ್ವವಾಗಿ, ಮುಂದೆ ಒತ್ತೂ ಇಲ್ಲದಿದ್ದರೆ ಸಾಮಾನ್ಯವಾಗಿ ಕೊಂಬು ಉಳಿದು ವಕಾರ ಬರುತ್ತದೆ ಎಂದು ನಿಯಮ ಮಾಡೋಣ ಅಂದರೆ, ‘ಅದು’ ಎದ್ದು ನಿಲ್ಲುತ್ತದೆ. ಅದೂ ಎರಡೇ ಅಕ್ಷರ, ಅದೂ ಹ್ರಸ್ವ, ಆದರೆ ‘ಅದುವನ್ನು’ ಅಂದವರಿಲ್ಲ. ಕೊನೆಗೆ ಫೈಲು ಬರೆಯುವವರು ನಿಯಮದ ಸಹವಾಸ ಬಿಟ್ಟು, ಒಂದೊಂದೇ ಪದದ ಮುಂದೆ ಓರೆಗೆರೆ ಹಾಕಿ ಗುರುತು ಬರೆಯುತ್ತಾ ಕೂರುತ್ತಾರೆ: ಇದು ಊರಿನ ಜಾತಿ, ಇದು ಗುರುವಿನ ಜಾತಿ. ಸಾವಿರಗಟ್ಟಲೆ ಪದಕ್ಕೆ, ಕೈಯಲ್ಲಿ, ರಾತ್ರಿ ಊಟವಾದ ಮೇಲೆ, ಸಂಬಳವಿಲ್ಲದೆ. ಕೆಂಪು ಗೆರೆ ನೋಡಿ ಬೈಯುವ ಮೊದಲು ಇದೊಂದು ನೆನಪಿರಲಿ. ನೆನಪಿಟ್ಟುಕೊಂಡು ಆಮೇಲೆ ಬೈಯಬಹುದು.

ಇನ್ನು ನೋಟಿಸಿನ ‘ತುಂಬಿಸಿಟ್ಟುಕೊಳ್ಳತಕ್ಕದ್ದು’. ತುಂಬು, ಇಸು, ಇಡು, ಕೊಳ್ಳು, ತಕ್ಕದ್ದು: ಶನಿವಾರ ಸಂಜೆಯ ಬಿಎಂಟಿಸಿ ಬಸ್ಸಿನ ಹಾಗೆ ಒಂದರ ಮೇಲೊಂದು. ಹನ್‌ಸ್ಪೆಲ್ ಪದದ ಹಿಂದಿನಿಂದ ಎರಡು ಬಾಲ ಕಳಚಬಲ್ಲದು, ಮೂರನೆಯದಕ್ಕೆ ಕೈ ಚೆಲ್ಲುತ್ತದೆ. ಆದ್ದರಿಂದ ‘ಗಳು’, ‘ಅಲ್ಲಿ’ ಎಂದು ಬೇರೆಬೇರೆ ಬರೆಯದೆ ‘ಗಳಲ್ಲಿ’, ‘ಗಳಲ್ಲಿನ’, ‘ಗಳಲ್ಲಿರುವ’ ಎಂದು ಮೊದಲೇ ಹೊಲಿದಿಟ್ಟ ಬಾಲಗಳನ್ನು ತುಂಬಬೇಕು. ಫೈಲು ಊದಿಕೊಳ್ಳುತ್ತದೆ. ಊದಿಕೊಂಡ ಮೇಲೂ ಯಾರೋ ‘ಗಳಲ್ಲಿರುವವರಿಗೂ’ ಎಂದು ಬರೆದು ಕೆಡಿಸುತ್ತಾರೆ.

ಇಷ್ಟಾದರೂ ಕಣ್ಣಿಗೆ ಕಾಣುವ ತಾಪತ್ರಯ. ಕಾಣದ್ದು ಇನ್ನೊಂದಿದೆ: ಸೊನ್ನೆ. ಅಂಕಿಯ ೦ ಬೇರೆ, ಅನುಸ್ವಾರದ ಂ ಬೇರೆ. ಪ್ರತಿ ಅಕ್ಷರಕ್ಕೂ ನಂಬರು ಕೊಡುವ ಯೂನಿಕೋಡಿನಲ್ಲಿ ಎರಡಕ್ಕೂ ಬೇರೆಬೇರೆ ಮನೆ ನಂಬರು, ಮುಖ ಮಾತ್ರ ಅವಳಿ ಮಕ್ಕಳದ್ದು. ಟೈಪ್ ಮಾಡುವವರನ್ನು ದೂರಿ ಪ್ರಯೋಜನವಿಲ್ಲ. ಒಂದನೇ ಕ್ಲಾಸಿನಲ್ಲಿ ‘ಬ ಏತ್ವ ಬೆ, ಸೊನ್ನೆ ಬೆಂ’ ಎಂದು ಹೇಳಿಕೊಟ್ಟವರು ನಾವೇ. ಅವರು ಸೊನ್ನೆಯನ್ನೇ ಒತ್ತಿದ್ದಾರೆ. ಹಾಗೆ ಬರೆದ ‘ಬೆ೦ಗಳೂರು’ ಕಾಗದದ ಮೇಲೆ ಚೆಂದವಾಗಿಯೇ ಅಚ್ಚಾಗುತ್ತದೆ, ಹುಡುಕಿದರೆ ಮಾತ್ರ ಸಿಗುವುದಿಲ್ಲ. ಕಣ್ಣೆದುರೇ ಇರುವ ಊರು ‘ಇಲ್ಲ’ ಎಂದು ಕಂಪ್ಯೂಟರು ವಾದಿಸುತ್ತದೆ. ಸರಿ, ಎಲ್ಲ ೦ ಅನ್ನೂ ಒಂದೇ ಏಟಿಗೆ ಂ ಮಾಡಿಬಿಡೋಣ ಎಂದು ‘ರಿಪ್ಲೇಸ್ ಆಲ್’ ಒತ್ತಿದವರ ಕಥೆ ಇನ್ನೂ ಚೆನ್ನ: ನಿರ್ವಹಣಾ ಶುಲ್ಕ ರೂ. ೨೫೦೦ ಇದ್ದದ್ದು ೨೫ಂಂ ಆಗಿ ಕೂರುತ್ತದೆ. ಸೊನ್ನೆಯ ಹಿಂದೆ ಅಕ್ಷರವೋ ಗುಣಿತದ ಚಿಹ್ನೆಯೋ ಇದ್ದರೆ ಮಾತ್ರ ಬದಲಿಸಬೇಕು, ಅಂಕಿ ಇದ್ದರೆ ಕೈ ಹಚ್ಚಬಾರದು. ಬಾಲದ ಫೈಲಿನಲ್ಲಿ ಆರ್‌ಇಪಿ ಎಂದು ಶುರುವಾಗುವ ಸಾಲೊಂದರಲ್ಲಿ ‘೦ ಬಂದರೆ ಂ ಇರಬಹುದು’ ಎಂದು ಬರೆದಿಟ್ಟರೆ ಹನ್‌ಸ್ಪೆಲ್ ಸರಿಯಾದ ಪದ ಸೂಚಿಸುತ್ತದೆ. ಅದೇ ಜಾಗದಲ್ಲಿ ‘ಪದದ ಶುರುವಿನಲ್ಲಿ ಆ ಬಂದರೆ ಹಾ ಇರಬಹುದು’ ಎಂದೂ ಬರೆದಿಡಬಹುದು. ‘ಆಲು ಆಕಿ’ ಎಂದು ಬರೆಯುವವರಿಗೆ ‘ಹಾಲು ಹಾಕಿ’ ಸಿಗುತ್ತದೆ.

ಸೂಚನೆ ಕೊಟ್ಟರೂ ನೋಡುವವರು ಯಾರು? ಪ್ರತಿ ಅಪಾರ್ಟ್‌ಮೆಂಟಿನಲ್ಲೂ, ಪ್ರತಿ ಸಂಘದಲ್ಲೂ, ಪ್ರತಿ ಆಫೀಸಿನಲ್ಲೂ ಒಬ್ಬ ಕಾರ್ಯದರ್ಶಿಗಳಿರುತ್ತಾರೆ. ಅವರಿಗೆ ತಪ್ಪು ಕಂಡರೆ ಬೇಜಾರಿಲ್ಲ, ಕೆಂಪು ಕಂಡರೆ ಬಿಪಿ. ಬಲಗಡೆಯ ಗುಂಡಿ ಒತ್ತಿದರೆ ಉದ್ದನೆಯ ಮೆನು ಬರುತ್ತದೆ. ಮೇಲೆ ಸರಿಯಾದ ಪದಗಳ ಸೂಚನೆ, ಕೆಳಗೆ ‘ಪದಕೋಶಕ್ಕೆ ಸೇರಿಸು’. ಅವರ ಕಣ್ಣು ಮೇಲೆ ಹೋಗುವುದೇ ಇಲ್ಲ. ಇಲಿ ನೇರ ಕೆಳಕ್ಕೆ ಜಾರುತ್ತದೆ, ಟಕ್. ಕೆಂಪು ಮಾಯ. ಇನ್ನೊಂದು, ಟಕ್. ಕೇರಂ ಆಡುವವರ ಗುರಿ. ‘ಸಾರ್, ದಯವಿಟ್ಟುಗೆ ಮಹಾಪ್ರಾಣ ಇಲ್ಲ ಸಾರ್’ ಅಂದರೆ, ‘ಈಗ ಕೆಂಪಿಲ್ಲವಲ್ಲ ಸ್ವಾಮಿ, ಮತ್ತೇನು ನಿಮ್ಮದು?’

ಹೀಗೆ ಸೇರಿದ ಪದಗಳೆಲ್ಲ ಎಲ್ಲಿ ಹೋಗುತ್ತವೆ ಎಂದು ಅವರು ಕೇಳಿದವರಲ್ಲ. ಲಿಬ್ರೆಆಫೀಸಿನಲ್ಲಾದರೆ ಬಳಕೆದಾರರ ಪ್ರೊಫೈಲಿನೊಳಗೆ ವರ್ಡ್‌ಬುಕ್ ಎಂಬ ಫೋಲ್ಡರು, ಅದರಲ್ಲಿ ಸ್ಟ್ಯಾಂಡರ್ಡ್ ಡಾಟ್ ಡಿಐಸಿ ಎಂಬ ಸಾದಾ ಪಠ್ಯದ ಫೈಲು. ನೋಟ್‌ಪ್ಯಾಡಿನಲ್ಲೇ ತೆರೆಯಬಹುದು. ತಲೆಯ ಮೇಲೆ ನಾಲ್ಕು ಸಾಲು: ಫೈಲಿನ ಬಗೆ, ಭಾಷೆ, ಮೂರನೆಯದರಲ್ಲಿ ‘ಟೈಪ್: ಪಾಸಿಟಿವ್’, ಆಮೇಲೆ ಮೂರು ಅಡ್ಡಗೆರೆ. ಪಾಸಿಟಿವ್ ಅಂದರೆ ಇಲ್ಲಿರುವುದೆಲ್ಲ ಸರಿ ಎಂದರ್ಥ. ಕಾರ್ಯದರ್ಶಿಗಳ ಸ್ವಭಾವವೂ ಅದೇ. ಅದರ ಕೆಳಗೆ ಅವರ ಮೂರು ವರ್ಷದ ಸಾಧನೆ: ಧಯವಿಟ್ಟು. ವಿಧ್ಯುತ್. ಲಿಪ್ಟ್. ಹಾರ್ಧಿಕ. ಶುಭಾಷಯಗಳು. ಬೆ೦ಗಳೂರು. ಪಾರ್ಕಿಂಗ್‌ಗೆಗೆ. ಒಂದು ಕಡೆ ಬರೀ ‘ಕ್ಷ’, ಪಾಪ, ಯಾವುದೋ ಪದದ ಮಧ್ಯೆ ಸ್ಪೇಸ್ ಬಾರ್ ತಗುಲಿರಬೇಕು. ಇನ್ನು ಈ ಜನ್ಮದಲ್ಲಿ ಆ ಕಂಪ್ಯೂಟರಿನಲ್ಲಿ ‘ಧಯವಿಟ್ಟು’ ಕೆಂಪಾಗುವುದಿಲ್ಲ. ಯುಗಾದಿಗೆ, ದೀಪಾವಳಿಗೆ, ಹೊಸವರ್ಷಕ್ಕೆ ತಪ್ಪದೆ ‘ಹಾರ್ಧಿಕ ಶುಭಾಷಯಗಳು’.

ತೊಳೆಯುವ ದಾರಿ ಇದೆ. ಮೊದಲು ಲಿಬ್ರೆಆಫೀಸನ್ನು ಪೂರ್ತಿ ಮುಚ್ಚಬೇಕು. ಫೈಲಿನ ತಲೆಯ ನಾಲ್ಕು ಸಾಲು ಮುಟ್ಟದೆ, ಕೆಳಗಿನ ಕಸ ಅಳಿಸಿ, ಯುಟಿಎಫ್-8 ಎಂಬ ಯೂನಿಕೋಡ್ ಬಗೆಯಲ್ಲೇ ಉಳಿಸಬೇಕು. ಅಷ್ಟಕ್ಕೇ ನಿಲ್ಲಿಸದೆ, ಆಯ್ಕೆಗಳ ಬರವಣಿಗೆ ಸಹಾಯದ ಪುಟದಲ್ಲಿ ಹೊಸ ಪದಕೋಶವೊಂದನ್ನು ಮಾಡಿ ‘ಎಕ್ಸೆಪ್ಷನ್’ ಚೌಕಕ್ಕೆ ಟಿಕ್ ಹಾಕಿದರೆ ಅದು ನೆಗೆಟಿವ್ ಪದಕೋಶ. ಅದರಲ್ಲಿ ‘ಧಯವಿಟ್ಟು’ ಎಂದು ಬರೆದು ಎದುರಿಗೆ ‘ದಯವಿಟ್ಟು’ ಎಂದು ಕೊಟ್ಟರೆ, ಕಾರ್ಯದರ್ಶಿಗಳು ತಪ್ಪು ಬರೆದಾಗಲೆಲ್ಲ ಗೆರೆಯೂ ಬರುತ್ತದೆ, ಸರಿಯಾದ್ದೂ ಕಾಣುತ್ತದೆ. ಅವರು ಮತ್ತೆ ಮೆನುವಿನ ಕೆಳಕ್ಕೇ ಹೋಗುತ್ತಾರೆ, ಅದು ಬೇರೆ ವಿಷಯ.

ಬರೆಯುವವರ ಕಷ್ಟ ಇದಾದರೆ ಪ್ರೋಗ್ರಾಮು ಬರೆಯುವವರದ್ದು ಇನ್ನೊಂದು. ಪೈಥಾನ್ ಎಂಬ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಪಠ್ಯವನ್ನು ಪದಗಳಾಗಿ ಬಿಡಿಸಲು ಎಲ್ಲ ಪಾಠಗಳಲ್ಲೂ ಹೇಳಿಕೊಡುವುದು ಒಂದೇ ಉಪಾಯ: ಆರ್‌ಇ ಎಂಬ ಲೈಬ್ರರಿ, ಅದರಲ್ಲಿ ಬ್ಯಾಕ್‌ಸ್ಲ್ಯಾಷ್ ಡಬ್ಲ್ಯೂ, ಪಕ್ಕದಲ್ಲೊಂದು ಪ್ಲಸ್. ‘ಪದದ ಅಕ್ಷರಗಳು ಎಷ್ಟಿದ್ದರೂ ಸರಿ’ ಎಂದು ಅರ್ಥ. ಇಂಗ್ಲಿಷಿಗೆ ಬೆಣ್ಣೆಯಲ್ಲಿ ಚಾಕು ಇಳಿದ ಹಾಗೆ. ಕನ್ನಡದ ತಿಂಡಿ ಪಟ್ಟಿ ಕೊಟ್ಟು ನೋಡಿ. ‘ಉಪ್ಪಿಟ್ಟು’ ಹೋಗಿ ಉಪ, ಪ, ಟ, ಟ ಎಂದು ನಾಲ್ಕು ಚೂರಾಗಿ ಹೊರಬರುತ್ತದೆ. ‘ಕಾಫಿ’ ಕ, ಫ. ‘ಚಟ್ನಿ’ಯಲ್ಲಿ ಚಟ ಒಂದು ಕಡೆ, ನ ಒಂದು ಕಡೆ. ಕೊನೆಗೆ ‘ಕನ್ನಡ’ವೇ ಕನ, ನಡ. ಕಾರಣ ಸರಳ. ಆ ಲೈಬ್ರರಿಯ ಕಣ್ಣಿಗೆ ಅಕ್ಷರ ಅಂಕಿಗಳು ಮಾತ್ರ ಪದದ ಭಾಗ. ಕೊಂಬು, ದೀರ್ಘ, ಏತ್ವ, ಅನುಸ್ವಾರ, ಒತ್ತು ಮಾಡುವ ಅರ್ಧಚಿಹ್ನೆ ಇವೆಲ್ಲ ಯೂನಿಕೋಡಿನಲ್ಲಿ ‘ಗುರುತು’ಗಳ ವರ್ಗಕ್ಕೆ ಸೇರಿದ್ದರಿಂದ ಅಲ್ಲೆಲ್ಲ ಕತ್ತರಿ. ಹೀಗಾಗಿ ಗುಣಿತವೇ ಇಲ್ಲದ ಪದಗಳು ಮಾತ್ರ ಸಾಬೂತಾಗಿ ಪಾರಾಗುತ್ತವೆ: ಮರ, ಜನ, ಅರಸ. ಒಂದನೇ ಕ್ಲಾಸಿನ ರಗಸದಅ ಪಾಸು, ಎರಡನೇ ಕ್ಲಾಸಿಗೆ ಪ್ರವೇಶವಿಲ್ಲ. ಮೊದಲಿನ ‘ಬೆ೦ಗಳೂರು’ ಕೊಟ್ಟರಂತೂ ಬ, ೦ಗಳ, ರ ಎಂದು ಬರುತ್ತದೆ. ರೆಜೆಕ್ಸ್ ಎಂಬ ಇನ್ನೊಂದು ಲೈಬ್ರರಿಯನ್ನು ಬೇರೆಯಾಗಿ ಹಾಕಿಕೊಂಡರೆ ಉಪ್ಪಿಟ್ಟು ಉದುರುವುದಿಲ್ಲ. ಅಥವಾ ತಂತ್ರಗಾರಿಕೆ ಬಿಟ್ಟು ಖಾಲಿ ಜಾಗದಲ್ಲಿ ಕತ್ತರಿಸಿ, ಅಂಚಿನ ಚುಕ್ಕಿ, ಅಲ್ಪವಿರಾಮ ಸವರಿದರೂ ಸಾಕು.

ಪದದ ಕಥೆ ಇದಾದರೆ, ವಾಕ್ಯಗಳನ್ನು ಬಿಡಿಸಲು ಯಂತ್ರ ನೋಡುವುದು ಚುಕ್ಕಿಯನ್ನು. ‘ಚಿ. ಸೌ.’ ಎಂದು ಮದುವೆ ಕಾಗದ ಕೊಟ್ಟರೆ ಹುಡುಗಿಯ ಹೆಸರು ಬರುವ ಮೊದಲೇ ಎರಡು ವಾಕ್ಯ ಮುಗಿದಿರುತ್ತದೆ. ಅದಿರಲಿ.

ವ್ಯಾಕರಣ ತಪಾಸಣೆ ಎಂಬ ಹೆಸರಿನಲ್ಲಿ ಕನ್ನಡಕ್ಕೆ ಯಾರಾದರೂ ಏನಾದರೂ ಮಾಡಿಕೊಡುತ್ತೇನೆ ಅಂದರೆ ಅವರಿಗೆ ಬೆಳಗಿನ ಹೊತ್ತು ಯಾವುದೇ ಮನೆಯ ಅಡುಗೆಮನೆಯಿಂದ ಕೇಳಿಬರುವ ಒಂದೇ ವಾಕ್ಯ ಕೊಡಿ: ‘ಆರಕ್ಕೆ ಏಳು, ಏಳಕ್ಕೆ ಬಸ್ಸು ಹತ್ತು, ತಿಂಡಿ ಆರುತ್ತೆ.’ ಯಂತ್ರಕ್ಕೆ ಕಾಣುವುದು ಆರು, ಏಳು, ಏಳು, ಹತ್ತು, ಮತ್ತೆ ಆರು, ಯಾವುದೋ ಲೆಕ್ಕದ ಪುಸ್ತಕ. ಯಾವ ಏಳು ಸಂಖ್ಯೆ, ಯಾವ ಏಳು ಬೈಗುಳ ಎಂದು ತಿಳಿಯಲು ಅಕ್ಕಪಕ್ಕದ ಪದ ನೋಡಬೇಕು. ‘ಅವರು ಬಂದ’ ಅಂದರೆ ತಪ್ಪು, ‘ಅವರು ಬಂದ ಮೇಲೆ’ ಅಂದರೆ ಸರಿ. ಮೂರನೇ ಪದ ಬರುವವರೆಗೆ ಯಂತ್ರ ಬಾಯಿ ಮುಚ್ಚಿಕೊಂಡಿರಬೇಕು. ನಮ್ಮಲ್ಲಿ ಎಷ್ಟು ಜನರಿಗೆ ಅದು ಸಾಧ್ಯ?

ಇಷ್ಟೆಲ್ಲ ಗದ್ದಲದ ನಡುವೆ ಕೆಲವು ಕೆಂಪು ಗೆರೆಗಳು ಮಾತ್ರ ನಗು ತರಿಸುವುದಿಲ್ಲ. ಪದಪಟ್ಟಿಯನ್ನು ಸಾಮಾನ್ಯವಾಗಿ ದೊಡ್ಡ ಪಠ್ಯರಾಶಿಯಿಂದ ಸೋಸಿ ತೆಗೆಯುತ್ತಾರೆ. ನಾಲ್ಕೈದು ಸಲಕ್ಕಿಂತ ಕಡಿಮೆ ಬಂದದ್ದೆಲ್ಲ ಅಚ್ಚಿನ ತಪ್ಪೇ ಇರಬೇಕೆಂದು ಜರಡಿಯಿಂದ ಆಚೆ. ತಪ್ಪುಗಳು ಹೋಗುತ್ತವೆ ನಿಜ. ಜೊತೆಗೆ ಯಾರೂ ಪತ್ರಿಕೆಯಲ್ಲಿ ಬರೆಯದ ಪದಗಳೂ ಹೋಗುತ್ತವೆ. ‘ಟೆಂಡರ್’, ‘ಫ್ಲೈಓವರ್’ ನಿಶ್ಚಿಂತೆಯಿಂದ ಕೂತಿರುತ್ತವೆ. ‘ಒನಕೆ’, ‘ಕಡೆಗೋಲು’, ‘ನೆಲುವು’ ಎಂದು ಬರೆದರೆ ಗೆರೆ ಬೀಳುತ್ತದೆ. ನೆಲುವಿನಲ್ಲಿ ತೂಗಾಡುತ್ತಿದ್ದ ಮೊಸರಿನ ಗಡಿಗೆಯನ್ನು ಕಂಡವರು ಆ ಪದವನ್ನು ಎಲ್ಲೂ ಟೈಪ್ ಮಾಡಲಿಲ್ಲ. ಟೈಪ್ ಮಾಡುವವರು ನೆಲುವನ್ನು ಕಂಡಿಲ್ಲ. ಅಂಥ ಕಡೆ ‘ಪದಕೋಶಕ್ಕೆ ಸೇರಿಸು’ ಒತ್ತುವುದು ನ್ಯಾಯವೇ. ಆದರೆ ಅದು ಸೇರುವುದು ನಿಮ್ಮ ಒಬ್ಬರ ಕಂಪ್ಯೂಟರಿಗೆ, ಹಾರ್ಡ್ ಡಿಸ್ಕ್ ಕೈಕೊಟ್ಟ ದಿನ ನೆಲುವೂ ಹೋಯಿತು.

ಅಷ್ಟರಲ್ಲಿ ಲಿಫ್ಟಿನ ಪಕ್ಕ ಕಾರ್ಯದರ್ಶಿಗಳದ್ದೇ ಬೇರೊಂದು ನೋಟಿಸು ಬಂದಾಗಿದೆ. ಅಚ್ಚುಕಟ್ಟು, ಪರದೆಯ ಮೇಲೆ ಒಂದೇ ಒಂದು ಕೆಂಪು ಗೆರೆ ಇರಲಿಲ್ಲವಂತೆ. ಈ ಸಲ ಏನನ್ನೂ ಪದಕೋಶಕ್ಕೆ ಸೇರಿಸಲೂ ಇಲ್ಲವಂತೆ. “ಟ್ಯಾಂಕರ್ ನೀರಿನ ಬೆಳೆ ಹೆಚ್ಚಾಗಿದ್ದು, ಎಲ್ಲರೂ ಸಹಕರಿಸಬೇಕು.”