ಕವಿಯ ಟ್ರಂಕು ಯಾರ ಮನೆಯಲ್ಲಿದೆ?

ಕನ್ನಡದಲ್ಲಿ ಕವಿಯೊಬ್ಬರು ತೀರಿಕೊಂಡರೆ ವರ್ಷ ತುಂಬುವುದರೊಳಗೆ ಸಂಸ್ಮರಣ ಗ್ರಂಥ ಸಿದ್ಧ. ಶಿಷ್ಯರು, ಸಹೋದ್ಯೋಗಿಗಳು, ಊರಿನವರು ತಲಾ ನಾಲ್ಕು ಪುಟ ಬರೆದಿರುತ್ತಾರೆ. ನಡುವೆ ಶಾಲು ಹೊದಿಸುವ ಫೋಟೋಗಳು, ಕೊನೆಗೊಂದು ಕೃತಿಪಟ್ಟಿ. ಕೆನಡಾದಲ್ಲಿ ಏಳೆಂಟು ವರ್ಷ ಸದ್ದೇ ಇರುವುದಿಲ್ಲ. ಆಮೇಲೆ ಒಬ್ಬರೇ ಕೂತು ಬರೆದ ದಪ್ಪ ಪುಸ್ತಕ ಬರುತ್ತದೆ, ಅದರ ಬೆನ್ನಿಗೆ ಹತ್ತಾರು ಪುಟ ಟಿಪ್ಪಣಿ: ಯಾವ ಪತ್ರ, ಯಾವ ಪೆಟ್ಟಿಗೆ, ಯಾವ ಕಡತ. ಟೊರಾಂಟೊದ ಕವಿ ಗ್ವೆಂಡಲಿನ್ ಮೆಕ್ಯೂಅನ್ ತೀರಿಕೊಂಡದ್ದು 1987ರಲ್ಲಿ; ರೋಸ್‌ಮೇರಿ ಸಲಿವನ್ ಬರೆದ ಅವರ ಜೀವನಚರಿತ್ರೆ ಬಂದದ್ದು 1995ರಲ್ಲಿ.

ಒಂಟಾರಿಯೋದಲ್ಲಿದ್ದು ಎರಡೂ ಬಗೆಯ ಪುಸ್ತಕ ಓದುವ ನನ್ನಂಥವರಿಗೆ ಕಾಣುವ ವ್ಯತ್ಯಾಸ ಬರೆಯುವವರ ಶಕ್ತಿಯದ್ದಲ್ಲ. ಕವಿಗಳ ಮೇಲಿನ ಅಭಿಮಾನದ್ದಂತೂ ಅಲ್ಲವೇ ಅಲ್ಲ. ಆ ಲೆಕ್ಕದಲ್ಲಿ ಕನ್ನಡಿಗರನ್ನು ಸೋಲಿಸುವವರು ಈ ದೇಶದಲ್ಲಿ ಹುಟ್ಟಿಲ್ಲ. ವ್ಯತ್ಯಾಸ ಇರುವುದು ಕವಿ ಹೋದ ಮೇಲೆ ಅವರ ಟ್ರಂಕು ಎಲ್ಲಿಗೆ ಹೋಯಿತು ಎನ್ನುವುದರಲ್ಲಿ.

ಇಲ್ಲಿ ಹೆಸರಾದ ಕವಿ ಬದುಕಿರುವಾಗಲೇ ಕಾಗದಪತ್ರಗಳನ್ನು ಯಾವುದೋ ವಿಶ್ವವಿದ್ಯಾಲಯಕ್ಕೆ ಮಾರುವುದೋ ದಾನ ಕೊಡುವುದೋ ಮಾಮೂಲು. ಇದರ ಹಿಂದೆ ಆದರ್ಶಕ್ಕಿಂತ ಲೆಕ್ಕಾಚಾರ ಹೆಚ್ಚು. 1977ರಲ್ಲಿ ಜಾರಿಗೆ ಬಂದ ಸಾಂಸ್ಕೃತಿಕ ಸ್ವತ್ತಿನ ಕಾಯ್ದೆಯ ಪ್ರಕಾರ, ಮಾನ್ಯತೆ ಪಡೆದ ಸಂಸ್ಥೆಗೆ ಕೊಟ್ಟ ಕಾಗದಪತ್ರಗಳಿಗೆ ಬೆಲೆ ಕಟ್ಟಿಸಿ, ಪ್ರಮಾಣಪತ್ರ ಪಡೆದು, ಆದಾಯ ತೆರಿಗೆಯಲ್ಲಿ ರಿಯಾಯಿತಿ ಪಡೆಯಬಹುದು. ಹಳೆಯ ಕರಡು ತಿಪ್ಪೆಗೆ ಹೋಗದಿರಲು ಇಷ್ಟು ಸಾಕು. ಅಲ್ ಪರ್ಡಿಯ ಕಾಗದಗಳು ಕಿಂಗ್‌ಸ್ಟನ್ನಿನ ಕ್ವೀನ್ಸ್ ವಿಶ್ವವಿದ್ಯಾಲಯದಲ್ಲಿವೆ. ಮೆಕ್ಯೂಅನ್ ಮತ್ತು ಲೆನರ್ಡ್ ಕೋಹನ್ ಇಬ್ಬರದ್ದೂ ಟೊರಾಂಟೊ ವಿಶ್ವವಿದ್ಯಾಲಯದ ಥಾಮಸ್ ಫಿಶರ್ ಗ್ರಂಥಾಲಯದಲ್ಲಿ. ಪಿ.ಕೆ. ಪೇಜ್ ಅವರದ್ದು ಒಟ್ಟಾವಾದ ರಾಷ್ಟ್ರೀಯ ಪತ್ರಾಗಾರದಲ್ಲಿ. ನಮ್ಮಲ್ಲಿ ಕವಿಯ ಮಕ್ಕಳು ಮನೆ ಬದಲಿಸುವಾಗ ಟ್ರಂಕು ಕೊಟ್ಟರೆ ಯಾರು ತೆಗೆದುಕೊಳ್ಳುತ್ತಾರೆ, ತೆಗೆದುಕೊಂಡರೆ ಎಲ್ಲಿ ಇಡುತ್ತಾರೆ ಎಂಬುದಕ್ಕೆ ಖಚಿತ ಉತ್ತರ ಇಲ್ಲ. ಕೊನೆಗೆ ಅದು ಅಟ್ಟ ಸೇರುತ್ತದೆ. ಅಟ್ಟದಲ್ಲಿ ಗೆದ್ದಲು ಇರುತ್ತದೆ.

ಪೆಟ್ಟಿಗೆ ಸಿಕ್ಕಿತು ಎಂದ ಮಾತ್ರಕ್ಕೆ ಜೀವನಚರಿತ್ರೆ ಸಿಕ್ಕಿತು ಎಂದೇನೂ ಅಲ್ಲ. ಪತ್ರಾಗಾರದ ವಾಚನಾಲಯದಲ್ಲಿ ಸಾಮಾನ್ಯವಾಗಿ ಪೆನ್ಸಿಲ್ ಮಾತ್ರ ಬಿಡುತ್ತಾರೆ, ಪೆನ್ನು ಹೊರಗೆ. ಆಮ್ಲರಹಿತ ರಟ್ಟಿನ ಒಂದು ಡಬ್ಬ ಮೇಜಿಗೆ ಬರುತ್ತದೆ, ಅದರಿಂದ ಒಂದು ಸಲಕ್ಕೆ ಒಂದೇ ಕಡತ ಹೊರತೆಗೆಯಬೇಕು, ಒಳಗಿನ ಹಾಳೆಗಳ ಕ್ರಮ ಕದಲಬಾರದು. ಕೆಲವು ಕಡತಗಳಿಗೆ ಬೀಗ: ಇಂಥ ವರ್ಷದವರೆಗೆ ತೆರೆಯುವಂತಿಲ್ಲ ಎಂದು ಕೊಟ್ಟವರೇ ಷರತ್ತು ಹಾಕಿರುತ್ತಾರೆ. ಹೊಸಬರು ಎಡವುವುದು ಇದಕ್ಕಿಂತ ಸರಳವಾದ ಕಡೆ. ಕವಿಯ ಪೆಟ್ಟಿಗೆಯಲ್ಲಿ ಇರುವುದು ಕವಿಗೆ *ಬಂದ* ಪತ್ರಗಳು. ಕವಿ *ಬರೆದ* ಪತ್ರಗಳು ಇನ್ಯಾರದ್ದೋ ಪೆಟ್ಟಿಗೆಯಲ್ಲಿರುತ್ತವೆ. ಪರ್ಡಿ ಏನು ಬರೆದ ಎಂದು ತಿಳಿಯಬೇಕಾದರೆ ಕಾದಂಬರಿಗಾರ್ತಿ ಮಾರ್ಗರೆಟ್ ಲಾರೆನ್ಸ್ ಏನನ್ನು ಎತ್ತಿಟ್ಟರು ಎಂದು ನೋಡಬೇಕು. ಇಬ್ಬರೂ ಎತ್ತಿಟ್ಟದ್ದರಿಂದಲೇ ಅವರ ಪತ್ರವ್ಯವಹಾರ 1993ರಲ್ಲಿ ಎರಡೂ ಕಡೆಯ ದನಿಯೊಂದಿಗೆ ಪುಸ್ತಕವಾಯಿತು. ಒಬ್ಬರು ಎಸೆದಿದ್ದರೆ ಅದು ಫೋನಿನಲ್ಲಿ ಒಂದೇ ಕಡೆಯ ಮಾತು ಕೇಳಿದ ಹಾಗೆ.

ಇದನ್ನು ಬೇಂದ್ರೆಯವರಿಗೆ ಅನ್ವಯಿಸಿ ನೋಡಿ. 'ನರಬಲಿ' ಕವಿತೆಗಾಗಿ 1932ರಲ್ಲಿ ಹಿಂಡಲಗಾ ಜೈಲು, ಆಮೇಲೆ ಮುಗದದಲ್ಲಿ ನಿಗರಾಣಿ. ಈ ಕಥೆ ಎಲ್ಲ ಲೇಖನಗಳಲ್ಲೂ ಎರಡು ಸಾಲಿನಲ್ಲಿ ಮುಗಿದುಹೋಗುತ್ತದೆ, ಒಂದರಿಂದ ಇನ್ನೊಂದಕ್ಕೆ ನಕಲಾಗಿ. ಧಾರವಾಡ ಆಗ ಮುಂಬಯಿ ಪ್ರಾಂತದಲ್ಲಿತ್ತು. ಸರ್ಕಾರ ಆ ಕವಿತೆಯಲ್ಲಿ ಏನು ಕಂಡಿತು ಎಂದು ಹುಡುಕುವವರು ಮೊದಲು ಹೋಗಬೇಕಾದ್ದು ಬೆಂಗಳೂರಿಗಲ್ಲ, ಮುಂಬಯಿಯ ಪತ್ರಾಗಾರಕ್ಕೆ. ಮುಂದೆ ಅವರು 1944ರಿಂದ 1956ರವರೆಗೆ ಪಾಠ ಹೇಳಿದ್ದು ಸೊಲ್ಲಾಪುರದ ಡಿ.ಎ.ವಿ. ಕಾಲೇಜಿನಲ್ಲಿ, ಅದೂ ಈಗ ಮಹಾರಾಷ್ಟ್ರ. ಗೋವಿಂದ ಪೈಗಳ ಮಂಜೇಶ್ವರ ಮದರಾಸು ಪ್ರಾಂತದ ದಕ್ಷಿಣ ಕನ್ನಡದಲ್ಲಿದ್ದದ್ದು 1956ರಲ್ಲಿ ಕೇರಳಕ್ಕೆ ಹೋಯಿತು. ಮಾಸ್ತಿಯವರದ್ದು ಮೈಸೂರು ಸಂಸ್ಥಾನದ ನೌಕರಿ, ಅವರೊಬ್ಬರ ಕಡತಕ್ಕೆ ಬೆಂಗಳೂರು ಸರಿ. ಕನ್ನಡ ಕವಿಯ ಜೀವನಚರಿತ್ರೆ ಬರೆಯಲು ಮೊದಲು ಬೇಕಾದ್ದು 1956ಕ್ಕೆ ಮುಂಚಿನ ನಕ್ಷೆ. ಈ ತಿರುಗಾಟಕ್ಕೆ ಯಾರೂ ಪ್ರವಾಸಭತ್ಯೆ ಕೊಡುವುದಿಲ್ಲ, ಅದು ಬೇರೆ ಮಾತು.

ಹಾಗೆಂದು ಕೆನಡಾದವರು ಮೊದಲಿನಿಂದಲೂ ಹೀಗೇ ಬರೆಯುತ್ತಿದ್ದರು ಎಂದುಕೊಳ್ಳಬೇಡಿ. ಆರ್ಚಿಬಾಲ್ಡ್ ಲ್ಯಾಂಪ್‌ಮನ್ ಒಟ್ಟಾವಾದ ಅಂಚೆ ಇಲಾಖೆಯಲ್ಲಿ ಗುಮಾಸ್ತ, 37ನೇ ವಯಸ್ಸಿಗೆ 1899ರಲ್ಲಿ ಹೋಗಿಬಿಟ್ಟ. ಮರುವರ್ಷವೇ ಗೆಳೆಯ ಡಂಕನ್ ಕ್ಯಾಂಪ್‌ಬೆಲ್ ಸ್ಕಾಟ್ ಅವನ ಸಮಗ್ರ ಕವಿತೆಗಳನ್ನು ಸಂಪಾದಿಸಿ, ಮುಂದುಗಡೆ ಒಂದು ಸ್ಮೃತಿಚಿತ್ರ ಬರೆದ. ಪ್ರೀತಿಯಿಂದ ಬರೆದದ್ದು, ಒಳ್ಳೆಯ ಗದ್ಯ, ಅಪ್ಪಟ ಸಂಸ್ಮರಣ ಗ್ರಂಥದ ಧಾಟಿ. ಲ್ಯಾಂಪ್‌ಮನ್ ಇಲಾಖೆಯ ಸಹೋದ್ಯೋಗಿ ಕ್ಯಾಥರೀನ್ ವಾಡೆಲ್‌ಳನ್ನು ಪ್ರೀತಿಸಿದ್ದ, ಅವಳಿಗಾಗಿ ಕವಿತೆ ಬರೆದಿದ್ದ. ಆ ವಿಷಯ ಅಲ್ಲಿಲ್ಲ. ಕಾಡುಮೇಡು ಸುತ್ತುವ ಸೌಮ್ಯ ಪ್ರಕೃತಿಕವಿ ಎಂಬ ಒಂದೇ ಮುಖವನ್ನು ಓದುಗರು ದಶಕಗಳ ಕಾಲ ನೋಡಿದರು. ಮೊದಲ ಸ್ಮೃತಿಚಿತ್ರದ ತೊಂದರೆ ಇದು: ಅದರಲ್ಲಿ ಸುಳ್ಳು ಇರಬೇಕೆಂದೇನಿಲ್ಲ, ಬಿಟ್ಟದ್ದೇ ಸಾಕು. ಹಿಂದೆ ಬರುವವರೆಲ್ಲ ಅದನ್ನೇ ತುಳಿಯುತ್ತಾರೆ.

ಸ್ಕಾಟ್‌ನ ಬದುಕು ಇನ್ನೂ ಕಷ್ಟದ ಪಾಠ. ಕವಿತೆಗಳಲ್ಲಿ ಮೂಲನಿವಾಸಿಗಳ ಅಳಿವಿಗೆ ಮರುಗಿದ ಈತ 1913ರಿಂದ 1932ರವರೆಗೆ ಮೂಲನಿವಾಸಿ ವ್ಯವಹಾರಗಳ ಇಲಾಖೆಯ ಅತ್ಯುನ್ನತ ಅಧಿಕಾರಿ. 1920ರ ತಿದ್ದುಪಡಿಯಿಂದ ಮೂಲನಿವಾಸಿಗಳ ಮಕ್ಕಳನ್ನು ಮನೆಯಿಂದ ಬಿಡಿಸಿ, ಅವರ ಭಾಷೆ ಸಂಸ್ಕೃತಿ ಮರೆಸಲೆಂದು ನಡೆಸಿದ ವಸತಿ ಶಾಲೆಗಳಿಗೆ ಕಡ್ಡಾಯವಾಗಿ ಎಳೆದೊಯ್ಯುವ ಅಧಿಕಾರ ಬಂದದ್ದು ಈತನ ಕೈಕೆಳಗೆ. ಬಹುಕಾಲ ಸಾಹಿತ್ಯದ ಪುಸ್ತಕಗಳಲ್ಲಿ ಕವಿ ಸ್ಕಾಟ್ ಇದ್ದ, ಇಲಾಖೆಯ ಕಡತಗಳಲ್ಲಿ ಅಧಿಕಾರಿ ಸ್ಕಾಟ್ ಇದ್ದ. ಇಬ್ಬರೂ ಒಂದೇ ಪುಟದಲ್ಲಿ ಭೇಟಿಯಾಗುತ್ತಿದ್ದುದು ಕಡಿಮೆ. ಮಾರ್ಕ್ ಆಬ್ಲಿ 2013ರ ಪುಸ್ತಕದಲ್ಲಿ ಸ್ಕಾಟ್‌ನ ಪ್ರೇತವನ್ನೇ ಮನೆಗೆ ಕರೆಸಿ ವಾದಕ್ಕೆ ಕೂರಿಸುತ್ತಾರೆ. ಆ ಪ್ರೇತದ ತಂತ್ರ ನನಗೆ ರುಚಿಸುವುದಿಲ್ಲ: ಪ್ರಶ್ನೆಯೂ ಲೇಖಕನದ್ದೇ, ಉತ್ತರವೂ ಅವನದ್ದೇ ಆದರೆ ಸವಾಲು-ಜವಾಬಿನಲ್ಲಿ ಏನು ಸ್ವಾರಸ್ಯ? ಆದರೆ ಅಧ್ಯಾಯಗಳ ನಡುವೆ ಅವರು ತಂದಿಡುವ ದಾಖಲೆಗಳು ಗಟ್ಟಿ. 2015ರಲ್ಲಿ ಒಟ್ಟಾವಾದ ಬೀಚ್‌ವುಡ್ ಸ್ಮಶಾನದಲ್ಲಿ ಸ್ಕಾಟ್‌ನ ಸಮಾಧಿಯ ಬಳಿ ವಸತಿ ಶಾಲೆಗಳ ಪಾತ್ರವನ್ನೂ ಹೇಳುವ ಹೊಸ ಫಲಕ ಬಂತು. ಲ್ಯಾಂಪ್‌ಮನ್ ಇರುವುದೂ ಅದೇ ಸ್ಮಶಾನದಲ್ಲೇ. ಫಲಕ ಬದಲಾಯಿಸಲು ಗೋರಿ ಒಡೆಯಬೇಕಿಲ್ಲ, ಕವಿತೆ ಸುಡಬೇಕಿಲ್ಲ. ನಮ್ಮಲ್ಲಿ ಹಿರಿಯ ಕವಿಯ ಬಗ್ಗೆ ಒಂದು ಅಹಿತಕರ ಸಾಲು ಬರೆದರೆ ಮರುದಿನ ಊರಲ್ಲಿ ಪ್ರತಿಭಟನಾ ಸಭೆ. ಹೀಗಾಗಿ ಬರೆಯುವವರು ಮೊದಲೇ ಆ ಸಾಲನ್ನು ಒರೆಸಿಬಿಡುತ್ತಾರೆ.

ಖಾಸಗಿ ಬದುಕನ್ನು ಎಲ್ಲಿಯವರೆಗೆ ತೆರೆಯಬಹುದು? ಪಿ.ಕೆ. ಪೇಜ್ ಮತ್ತು ಎಫ್.ಆರ್. ಸ್ಕಾಟ್ ಪ್ರಕರಣ ಒಳ್ಳೆಯ ಉದಾಹರಣೆ. (ಈ ಸ್ಕಾಟ್ ಬೇರೆ: ಮೆಕ್‌ಗಿಲ್‌ನ ಕಾನೂನು ಪ್ರಾಧ್ಯಾಪಕ, ಕವಿ, ಸಮಾಜವಾದಿ.) ವಿವಾಹಿತ ಸ್ಕಾಟ್ ಮತ್ತು ಪೇಜ್ ನಡುವಿನ ಪ್ರೇಮ ಅವರಿಬ್ಬರ ಕವಿತೆಗಳಿಗೂ ಸಂಬಂಧಿಸಿದ್ದು. ಸ್ಯಾಂಡ್ರಾ ಜ್ವಾ ಇಬ್ಬರದ್ದೂ ಜೀವನಚರಿತ್ರೆ ಬರೆದರು: ಸ್ಕಾಟ್ ಅವರದ್ದು 1987ರಲ್ಲಿ, ಪೇಜ್ ಅವರದ್ದು 2012ರಲ್ಲಿ. ಎರಡನೆಯದು ಪೇಜ್ ಅವರ ಒಪ್ಪಿಗೆ, ಸಂದರ್ಶನ, ಕಾಗದಗಳೊಂದಿಗೆ ದಶಕಕ್ಕೂ ಹೆಚ್ಚು ಕಾಲ ನಡೆದ ಕೆಲಸ, ಆದರೆ ಅಚ್ಚಾದದ್ದು ಅವರು ತೀರಿಕೊಂಡ ಎರಡು ವರ್ಷಕ್ಕೆ. ಅವಸರ ಮಾಡಿದರೆ ಏನಾಗುತ್ತದೆ ಎಂಬುದಕ್ಕೆ ಅರ್ವಿಂಗ್ ಲೇಟನ್ ಇದ್ದಾನೆ. 1985ರಲ್ಲಿ ಎಲ್ಸ್‌ಪೆತ್ ಕ್ಯಾಮರಾನ್ ಬರೆದ ಚರಿತ್ರೆ ಬಂದಾಗ ಕವಿ ಇನ್ನೂ ಗಟ್ಟಿಮುಟ್ಟಾಗಿದ್ದ. ಬಹಿರಂಗ ಜಗಳಕ್ಕೇ ನಿಂತ, ಅದೇ ವರ್ಷ ತನ್ನದೇ ಆತ್ಮಕಥೆಯನ್ನೂ ಹೊರತಂದ. ಓದುಗರಿಗೆ ಎರಡು ಲೇಟನ್‌ಗಳು ಸಿಕ್ಕರು, ಎರಡರಲ್ಲೂ ಪೂರ್ತಿ ನಂಬಿಕೆ ಹುಟ್ಟಲಿಲ್ಲ.

ಮಾಂಟ್ರಿಯಲ್‌ನ ಫ್ರೆಂಚ್ ಕವಿ ಎಮಿಲ್ ನೆಲಿಗಾನ್‌ನದ್ದು ಇನ್ನೊಂದು ಬಗೆಯ ಎಡವಟ್ಟು. ಹತ್ತೊಂಬತ್ತು ತುಂಬುವ ಹೊತ್ತಿಗೆ ಬಹುಪಾಲು ಕವಿತೆ ಬರೆದು ಮುಗಿಸಿ 1899ರಲ್ಲಿ ಮಾನಸಿಕ ಆಸ್ಪತ್ರೆ ಸೇರಿದ. ಅವನ ಕವಿತೆಗಳನ್ನು ಸಂಪಾದಿಸಿದ ಲೂಯಿ ದಾಂತೇನ್ 1902ರ ಲೇಖನವನ್ನು ಶುರುಮಾಡಿದ್ದೇ ನೆಲಿಗಾನ್ ಸತ್ತ ಎಂಬ ವಾಕ್ಯದಿಂದ. ಅವನು ಜೀವಂತ ಇದ್ದ, 1941ರವರೆಗೂ ಇದ್ದ! ಆ ಒಂದು ರೂಪಕ ಮುಂದಿನ ನಾಲ್ಕು ದಶಕದ ಮನುಷ್ಯನನ್ನೇ ನುಂಗಿತು. ಪೌಲ್ ವಿಚಿನ್ಸ್ಕಿ 1987ರಲ್ಲಿ ಬೃಹತ್ ಜೀವನಚರಿತ್ರೆ ಬರೆದು ಆ ವರ್ಷಗಳನ್ನೂ ತುಂಬಿಕೊಟ್ಟರು. ಆದರೂ 2013ರಲ್ಲಿ ಇವೆಟ್ ಫ್ರಾಂಕೋಲಿ ಆ ಕವಿತೆಗಳ ಹಿಂದಿನ ನಿಜವಾದ ಕೈ ದಾಂತೇನ್‌ನದ್ದೇ ಎಂದು ವಾದಿಸಿ ಗದ್ದಲ ಎಬ್ಬಿಸಿದರು. ನನಗೆ ಆ ವಾದ ಒಪ್ಪಿಗೆಯಿಲ್ಲ. ಆದರೆ ಕವಿಯ ಕೈಬರಹದ ಕರಡುಗಳು ಧಾರಾಳವಾಗಿ ಉಳಿದಿದ್ದರೆ ಅಂಥ ವಾದಕ್ಕೆ ಜಾಗವೇ ಇರುತ್ತಿರಲಿಲ್ಲ. ನಮಗೆ ಇದು ಹೊಸದಲ್ಲ. ನಂದಳಿಕೆಯ ಲಕ್ಷ್ಮೀನಾರಾಣಪ್ಪ ತನ್ನ ಕೃತಿಯನ್ನು ಹಳೆಯ ಹಸ್ತಪ್ರತಿ ಎಂದು ಹೇಳಿ ಮೈಸೂರಿಗೆ ಕಳಿಸಿ, 31ನೇ ವಯಸ್ಸಿಗೆ ಕ್ಷಯದಿಂದ 1901ರಲ್ಲಿ ಹೋದ ಮೇಲೆ ಮುದ್ದಣ ಎಂದರೆ ಯಾರು ಎಂದು ಪಂಡಿತರು ಹುಡುಕಾಡಬೇಕಾಯಿತು.

ಈಗ ತಕ್ಕಡಿಯ ಇನ್ನೊಂದು ತಟ್ಟೆ. ಪೂರ್ಣಚಂದ್ರ ತೇಜಸ್ವಿಯವರ 'ಅಣ್ಣನ ನೆನಪು' ಮತ್ತು ತಾರಿಣಿಯವರ 'ಮಗಳು ಕಂಡ ಕುವೆಂಪು' ಇವೆರಡಕ್ಕೆ ಸಮನಾದದ್ದನ್ನು ಯಾವ ಪೆಟ್ಟಿಗೆಯೂ ಕೊಡಲಾರದು. ಮಹಾಕವಿಯನ್ನು ಮನೆಯೊಳಗಿನ ಮನುಷ್ಯನಾಗಿ, ತಮಾಷೆ ಮಾಡುತ್ತಲೇ, ಮಗ ನೋಡುವ ಆ ಧಾಟಿ ಜ್ವಾ ಅವರ ಎಚ್ಚರದ ಗದ್ಯದಲ್ಲಿ ಇಲ್ಲ. ಡಿವಿಜಿಯವರ 'ಜ್ಞಾಪಕ ಚಿತ್ರಶಾಲೆ'ಯಲ್ಲಿ ಮನುಷ್ಯರು ಮಾತಾಡುವುದು ಕೇಳಿಸುತ್ತದೆ. ಕೆನಡಾದ ಚರಿತ್ರೆಗಳಲ್ಲಿ ಎಷ್ಟೋ ಸಲ ಕವಿ ಯಾವ ತಾರೀಖು ಯಾವ ಹಡಗು ಹತ್ತಿದ ಎಂಬುದು ಗೊತ್ತಾಗುತ್ತದೆ, ನಗು ಹೇಗಿತ್ತು ಎಂದು ಗೊತ್ತಾಗುವುದಿಲ್ಲ. ಸಲಿವನ್ ಇದಕ್ಕೆ ಅಪವಾದ: ಮೆಕ್ಯೂಅನ್‌ಳನ್ನು ಬಲ್ಲವರ ಮಾತು ಒಂದಕ್ಕೊಂದು ಹೊಂದದ ಕಡೆ ಹೊಂದಿಸಲು ಹೋಗದೆ, ಸಂದನ್ನು ಸಂದಾಗಿಯೇ ಬಿಡುತ್ತಾರೆ. ನೆನಪು ಮತ್ತು ಕಾಗದ ಎರಡೂ ಒಂದೇ ಪುಸ್ತಕದಲ್ಲಿ ಜಗಳವಾಡಲು ಬಿಟ್ಟದ್ದರಿಂದಲೇ ಅದು ನನ್ನ ಮಟ್ಟಿಗೆ ಇಲ್ಲಿಯ ಅತ್ಯುತ್ತಮ ಕವಿಚರಿತ್ರೆ.

ಮನೆಗಳ ವಿಷಯದಲ್ಲಿ ನಾವೇನೂ ಹಿಂದಿಲ್ಲ. ಪರ್ಡಿ ಮತ್ತು ಹೆಂಡತಿ ಯೂರಿತ್ 1957ರಲ್ಲಿ ಹಳೆ ಮರಮುಟ್ಟು ಹೊಂಚಿ ಅಮೀಲಿಯಾಸ್‌ಬರ್ಗ್‌ನ ರಾಬ್ಲಿನ್ ಕೆರೆದಂಡೆಯಲ್ಲಿ ಕಟ್ಟಿದ ಗೂಡಿನಂಥ ಮನೆಯನ್ನು ಸಂಘವೊಂದು 2012ರಲ್ಲಿ ಕೊಂಡು ಉಳಿಸಿತು, ಈಗ ಅಲ್ಲಿ ಬೇರೆ ಲೇಖಕರು ಬಂದು ಉಳಿದು ಬರೆಯುತ್ತಾರೆ. ಕುಪ್ಪಳಿ ಇದೆ, ಮಂಜೇಶ್ವರದ ಗಿಳಿವಿಂಡು ಇದೆ, ಸಾಧನಕೇರಿ ಇದೆ. ಮನೆ ಉಳಿಸಿಕೊಂಡಷ್ಟು ಶ್ರದ್ಧೆಯಿಂದ ಟ್ರಂಕು ಉಳಿಸಿಕೊಂಡಿಲ್ಲ, ಅಷ್ಟೇ ನನ್ನ ತಕರಾರು.

ಆದ್ದರಿಂದ, ಯಾರ ಅಟ್ಟದಲ್ಲಾದರೂ ಕವಿಯೊಬ್ಬರ ಕಾಗದ ಇದ್ದರೆ ಮೊದಲು ಮಾಡಬೇಕಾದ್ದು: ಕೈಗೆ ಬಂದ ಕ್ರಮವನ್ನು ಕಲಕದೆ, ಇದ್ದ ಹಾಗೇ ಒಂದು ಸಲ ಫೋಟೋ ತೆಗೆಯುವುದು. ಆಮೇಲೆ ತುಕ್ಕು ಹಿಡಿದ ಗುಂಡುಸೂಜಿ, ಸ್ಟೇಪಲ್ ಮೆಲ್ಲಗೆ ಬಿಡಿಸುವುದು. ಹರಿದದ್ದಕ್ಕೆ ಸೆಲ್ಲೋಟೇಪ್ ಬೇಡ, ಅದು ಹಳದಿಯಾಗಿ ಅಕ್ಷರವನ್ನೇ ತಿನ್ನುತ್ತದೆ. ಲ್ಯಾಮಿನೇಷನ್ ಅಂತೂ ಖಂಡಿತ ಬೇಡ, ಒಮ್ಮೆ ಮಾಡಿದರೆ ಹಿಂದಕ್ಕೆ ಬಿಡಿಸಲಾಗದು. ಕಾರ್ಡಿನಲ್ಲಿ ಬರೆದವರು ತಾರೀಖು ಹಾಕದಿದ್ದರೂ ಅಂಚೆ ಮುದ್ರೆಯಲ್ಲಿ ಇರುತ್ತದೆ, ಹಾಗಾಗಿ ಎರಡೂ ಬದಿ ಸ್ಕ್ಯಾನ್ ಆಗಬೇಕು. ಇನ್‌ಲ್ಯಾಂಡ್ ಪತ್ರ ಮಡಿಕೆಯಲ್ಲಿ ಮೂರು ತುಂಡಾಗಿರುತ್ತದೆ. ಅಂಚು ಕತ್ತರಿಸಿ ತೆರೆಯುವಾಗ ಒಂದೆರಡು ಅಕ್ಷರ ಹೋಗಿರುತ್ತವೆ. ಜಾಗ ಸಾಲದೆ ಅಂಚಿನಲ್ಲಿ ಅಡ್ಡಡ್ಡ ಬರೆದ ಸಾಲೇ ಎಷ್ಟೋ ಸಲ ಮುಖ್ಯ ಸುದ್ದಿ. ಫೋಟೋದ ಹಿಂದೆ ಹೆಸರು ಬರೆಯುವುದಿದ್ದರೆ ಮೆತ್ತನೆಯ ಪೆನ್ಸಿಲ್, ಬಾಲ್‌ಪೆನ್ ಅಲ್ಲ. ಮತ್ತು ಹೆಸರು ಹೇಳಬಲ್ಲ ಹಿರಿಯರನ್ನು ಈ ವಾರವೇ ಕೇಳುವುದು.

ಅಚ್ಚು ಹಾಕುವಾಗ ಒಂದು ಗೊಂದಲ ಎರಡೂ ದೇಶದಲ್ಲಿ ಸಾಮಾನ್ಯ. ಪತ್ರದ ಕಾಗದ ಪಡೆದವರದ್ದು, ಅದರಲ್ಲಿರುವ ಮಾತಿನ ಹಕ್ಕು ಬರೆದವರದ್ದು ಅಥವಾ ಅವರ ವಾರಸುದಾರರದ್ದು. ಭಾರತದಲ್ಲಿ ಲೇಖಕ ಬದುಕಿದ್ದಾಗ ಪ್ರಕಟವಾದ ಕೃತಿಗೆ ಹಕ್ಕು ಸಾವಿನ ನಂತರ 60 ವರ್ಷ: 1981ರಲ್ಲಿ ತೀರಿಕೊಂಡ ಬೇಂದ್ರೆಯವರ ಕವಿತೆಗಳು 2041ರ ಕೊನೆಯವರೆಗೆ. ಕೆನಡಾ 2022ರ ಕೊನೆಗೆ 50 ವರ್ಷವನ್ನು 70ಕ್ಕೆ ಏರಿಸಿತು. 2000ದಲ್ಲಿ ಹೋದ ಪರ್ಡಿಯ ಇಡೀ ಕವಿತೆ ಉದ್ಧರಿಸುವವರು 2070 ಮುಗಿಯುವ ತನಕ ಅನುಮತಿ ಕೇಳಬೇಕು.

ಕಾಗದಪತ್ರ ಪತ್ರಾಗಾರದ ಪೆಟ್ಟಿಗೆ ಸೇರಿದ ಕನ್ನಡ ಕವಿ ಒಬ್ಬರಾದರೂ ಇದ್ದಾರೆ, ಪೆಟ್ಟಿಗೆ ಇರುವುದು ಶಿಕಾಗೋದಲ್ಲಿ. ಎ.ಕೆ. ರಾಮಾನುಜನ್ ಅವರ ಕಾಗದಗಳು ಅಲ್ಲಿಯ ವಿಶ್ವವಿದ್ಯಾಲಯದ ರೀಜೆನ್‌ಸ್ಟೈನ್ ಗ್ರಂಥಾಲಯದ ವಿಶೇಷ ಸಂಗ್ರಹದಲ್ಲಿವೆ. ಯಾವ ಪೆಟ್ಟಿಗೆಯಲ್ಲಿ ಏನಿದೆ ಎಂದು ಹೇಳುವ ಸೂಚಿ ಅಂತರ್ಜಾಲದಲ್ಲಿ ಉಚಿತ, ಆದರೆ ಇಂಗ್ಲಿಷಿನಲ್ಲಿದೆ. ಪೆಟ್ಟಿಗೆ ಸಂಖ್ಯೆ, ಕಡತ ಸಂಖ್ಯೆ ಗುರುತು ಹಾಕಿಕೊಂಡು ಕೇಳಿದರೆ ಕೆಲಸ ಬೇಗ ಆಗುತ್ತದೆ. 'ರಾಮಾನುಜನ್ ಬಗ್ಗೆ ಏನಿದೆ' ಎಂದು ಕೇಳಿದರೆ ಸೂಚಿಯ ಕೊಂಡಿಯನ್ನೇ ತಿರುಗಿ ಕಳಿಸುತ್ತಾರೆ.