ಕಟ್ಟಿದ ಶುಲ್ಕಕ್ಕೆ ಪುನರ್ಜನ್ಮವಿಲ್ಲ

ಕಾಲೇಜಿನ ಶುಲ್ಕದ ರಸೀದಿಯನ್ನು ತಿರುಗಿಸಿ ನೋಡುವ ಅಭ್ಯಾಸ ನಮ್ಮಲ್ಲಿ ಹೆಚ್ಚಿನವರಿಗಿಲ್ಲ. ನೋಡಿದರೆ, ಇರುವೆ ಸಾಲಿನಂಥ ಅಕ್ಷರಗಳಲ್ಲಿ, ‘ಒಮ್ಮೆ ಪಾವತಿಸಿದ ಶುಲ್ಕವನ್ನು ಯಾವುದೇ ಕಾರಣಕ್ಕೂ ಹಿಂದಿರುಗಿಸಲಾಗುವುದಿಲ್ಲ’ ಎಂಬ ವಾಕ್ಯ ಕಾಣುತ್ತದೆ. ಬೇರೆಡೆ ಸೀಟು ಸಿಕ್ಕಿದ್ದು, ಅಪ್ಪನ ಕೆಲಸ ಹೋದದ್ದು, ಕೋರ್ಸಿಗೆ ಮಾನ್ಯತೆಯೇ ಇಲ್ಲವೆಂದು ಆಮೇಲೆ ತಿಳಿದದ್ದು, ಎಲ್ಲವೂ ಆ ‘ಯಾವುದೇ ಕಾರಣ’ದ ಹೊಟ್ಟೆಯೊಳಗೆ ಅಡಗಿವೆ.

ಹಾಗೆಂದು ನಿಯಮಗಳಿಗೆ ಬರವಿಲ್ಲ. ವಿಶ್ವವಿದ್ಯಾಲಯ ಧನಸಹಾಯ ಆಯೋಗವು 2018ರಲ್ಲಿ ಒಂದು ಅಂದವಾದ ಪಟ್ಟಿಯನ್ನೇ ಹೊರಡಿಸಿತು: ಪ್ರವೇಶದ ಕೊನೆಯ ದಿನಾಂಕಕ್ಕೆ 15 ದಿನ ಮೊದಲೇ ಸೀಟು ಬಿಟ್ಟವರಿಗೆ ಅಲ್ಪ ಮೊತ್ತದ ಕಡಿತದ ನಂತರ ಪೂರ್ತಿ ಶುಲ್ಕ, ಅದಾದ ಮೇಲೆ ಶೇ 90, ಶೇ 80, ಶೇ 50, ಕೊನೆಯ ದಿನ ಕಳೆದು 30 ದಿನ ದಾಟಿದರೆ ಸೊನ್ನೆ. 2024–25ನೇ ಸಾಲಿಗಂತೂ ಸೆಪ್ಟೆಂಬರ್ 30ರವರೆಗೆ ಪೂರ್ತಿ ಹಣವನ್ನೂ, ಅಕ್ಟೋಬರ್ 31ರವರೆಗೆ ಗರಿಷ್ಠ 1,000 ರೂಪಾಯಿ ಮುರಿದುಕೊಂಡು ಉಳಿದದ್ದನ್ನೂ ಕೊಡಬೇಕೆಂದು ಅದು ಹೇಳಿತು. ಆದರೆ ದೇವರು ಕೊಟ್ಟರೂ ಪೂಜಾರಿ ಕೊಡಬೇಕಲ್ಲ. ಸೀಟುಗಳು ಖಾಲಿ ಇರುವವರೆಗೆ ಜಾಹೀರಾತಿನಲ್ಲಿ ವಾರ ವಾರವೂ ಮುಂದಕ್ಕೆ ಹೋಗುವ ಆ ‘ಕೊನೆಯ ದಿನಾಂಕ’, ಶುಲ್ಕ ವಾಪಸು ಕೇಳುವ ಅರ್ಜಿ ಕಂಡೊಡನೆ ತನ್ನ ಮೂಲಸ್ಥಾನಕ್ಕೆ ಮರಳಿ, ಹೋದ ತಿಂಗಳೇ ಮುಗಿದುಹೋಗಿರುತ್ತದೆ.

ಇನ್ನು ಅರ್ಜಿಯ ಜೊತೆಗೆ ‘ನೋ ಡ್ಯೂಸ್’ ಪತ್ರ ಬೇಕು. ತರಗತಿಗಳೇ ಆರಂಭವಾಗದ ಕಾಲೇಜಿನಲ್ಲಿ, ಒಂದು ಸೀಸದ ಕಡ್ಡಿಯನ್ನೂ ಮುಟ್ಟದ ಹುಡುಗ, ತಾನು ಪ್ರಯೋಗಾಲಯದ ಗಾಜಿನ ನಳಿಕೆ ಒಡೆದಿಲ್ಲವೆಂದೂ ಕ್ರೀಡಾ ವಿಭಾಗದ ಚೆಂಡು ಒಯ್ದಿಲ್ಲವೆಂದೂ ಸಹಿ ಸಂಗ್ರಹಿಸಿಕೊಂಡು ಅಲೆಯಬೇಕು. ‘ಸ್ವಾಮಿ, ನನ್ನ ಮಗ ಗ್ರಂಥಾಲಯದ ಮೆಟ್ಟಿಲನ್ನೇ ಹತ್ತಿಲ್ಲ’ ಎಂದು ಅಪ್ಪ ಅಂಗಲಾಚಿದರೆ, ‘ಹತ್ತಿಲ್ಲ ಅಂತ ಗ್ರಂಥಪಾಲಕರೇ ಬರೆದುಕೊಡಬೇಕಲ್ಲ ಯಜಮಾನ್ರೇ’ ಎಂದು ಗುಮಾಸ್ತರು ಕನ್ನಡಕದ ಮೇಲಿನಿಂದ ನೋಡುತ್ತಾರೆ. ಗ್ರಂಥಪಾಲಕರು ರಜೆಯಲ್ಲಿರುತ್ತಾರೆ. ಅಷ್ಟರಲ್ಲಿ ಹುಡುಗ ಬಿಟ್ಟ ಕುರ್ಚಿಯಲ್ಲಿ ಕಾಯುವ ಪಟ್ಟಿಯ ಮುಂದಿನ ಹುಡುಗ ಕುಳಿತಾಗಿರುತ್ತದೆ, ಅವನ ಶುಲ್ಕವೂ ಜಮೆಯಾಗಿರುತ್ತದೆ. ಒಂದೇ ಕುರ್ಚಿಗೆ ಎರಡು ಬಾಡಿಗೆ ಬಂದ ಮೇಲೂ, ‘ಸೀಟು ಖಾಲಿ ಬಿದ್ದು ಸಂಸ್ಥೆಗೆ ನಷ್ಟವಾಗಿದೆ’ ಎಂದು ಪತ್ರ ಬರೆಯಲು ಸಾಮಾನ್ಯ ಎದೆಗಾರಿಕೆ ಸಾಲದು.

ನ್ಯಾಯಾಲಯಕ್ಕೆ ಹೋಗಬಾರದೇ ಎನ್ನುವಿರಿ. ಹೋಗಬಹುದು, ಆದರೆ ಹೋಗುವವನು ದೂರು ಕೊಡಬಲ್ಲ ಗ್ರಾಹಕನೋ, ಬರೀ ಶಿಷ್ಯನೋ ಎಂಬುದೇ ಇನ್ನೂ ತೀರ್ಮಾನವಾಗಿಲ್ಲ. 2009ರಲ್ಲಿ, ಮಾನ್ಯತೆಯಿಲ್ಲದೆ ಪ್ರವೇಶ ನೀಡಿದ ದಂತ ವೈದ್ಯಕೀಯ ಕಾಲೇಜೊಂದರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ವಿದ್ಯಾರ್ಥಿಗಳನ್ನು ಗ್ರಾಹಕರೆಂದೇ ಒಪ್ಪಿತು. ಅದೇ ವರ್ಷ ಇನ್ನೊಂದು ಪ್ರಕರಣದಲ್ಲಿ, ಪರೀಕ್ಷಾ ಮಂಡಳಿ ನೀಡುವುದು ಸೇವೆಯಲ್ಲ ಎಂದಿತು. ಮರುವರ್ಷ, ಶಿಕ್ಷಣವು ಸರಕಲ್ಲ ಎಂದಿತು. 2020ರ ಜನವರಿಯಲ್ಲಿ ರಾಷ್ಟ್ರೀಯ ಗ್ರಾಹಕ ಆಯೋಗವು, ಶಿಕ್ಷಣ ಸಂಸ್ಥೆಗಳು ಗ್ರಾಹಕ ಕಾಯ್ದೆಯ ವ್ಯಾಪ್ತಿಗೆ ಬರುವುದಿಲ್ಲ, ಅವು ನಡೆಸುವ ಪ್ರವಾಸವೂ ಈಜೂ ಬರುವುದಿಲ್ಲ, ಕೋಚಿಂಗ್ ಸೆಂಟರುಗಳು ಮಾತ್ರ ಬರುತ್ತವೆ ಎಂದು ತೀರ್ಪಿತ್ತಿತು. ಅದರ ಮೇಲ್ಮನವಿಯನ್ನು ಸುಪ್ರೀಂ ಕೋರ್ಟ್ ವಿಚಾರಣೆಗೆ ಅಂಗೀಕರಿಸಿತು. ಅಂದರೆ, ಕಾಲೇಜು ಸೇರುವುದು ಹೇಗೆಂದು ಕಲಿಸುವವನು ಅಂಗಡಿಯವನು, ಸೇರಿಸಿಕೊಳ್ಳುವವನು ಗುರು. ಕೋಚಿಂಗಿಗೆ ಕಟ್ಟಿದ ಹಣವನ್ನು ಗ್ರಾಹಕನಾಗಿ ಜಗ್ಗಿ ಕೇಳಬಹುದು. ಕಾಲೇಜಿಗೆ ಕಟ್ಟಿದ್ದು ಗುರುದಕ್ಷಿಣೆ, ಏಕಲವ್ಯನಿಗೂ ಹೆಬ್ಬೆರಳು ವಾಪಸು ಸಿಕ್ಕಿರಲಿಲ್ಲ.

ಶುಲ್ಕದ ಕುರಿತ ದೊಡ್ಡ ತೀರ್ಪುಗಳಲ್ಲಿ ಮೂರರ ಹಣೆಯ ಮೇಲೆ, 1992, 2002 ಮತ್ತು 2003ರಲ್ಲಿ, ಪ್ರತಿವಾದಿಯ ಜಾಗದಲ್ಲಿ ‘ಕರ್ನಾಟಕ ರಾಜ್ಯ’ ಎಂದೇ ಬರೆದಿದೆ ಎಂಬುದು ನಮ್ಮ ಹೆಮ್ಮೆಯೋ ಹಣೆಬರಹವೋ ತಿಳಿಯದು. ಮೂರನೆಯದರಲ್ಲಿ, ಒಂದು ಸೆಮಿಸ್ಟರ್ ಅಥವಾ ಒಂದು ವರ್ಷಕ್ಕಿಂತ ಹೆಚ್ಚಿನ ಶುಲ್ಕವನ್ನು ಮುಂಗಡವಾಗಿ ಪಡೆಯಬಾರದು, ಪಡೆದಿದ್ದರೆ ರಾಷ್ಟ್ರೀಕೃತ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಡಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿತ್ತು. ನಡುವೆ ಬಿಟ್ಟುಹೋದವನಿಂದ ಉಳಿದ ವರ್ಷಗಳ ಶುಲ್ಕವನ್ನೂ ಕಟ್ಟಿಸಿಕೊಂಡೇ ಅಂಕಪಟ್ಟಿ ಕೊಡುವ ಸಂಸ್ಥೆಗಳು ಆ ಪುಟವನ್ನು ಇನ್ನೂ ತೆರೆದಂತಿಲ್ಲ. ಪ್ರಾಯಶಃ ಅದು ರಜೆಯಲ್ಲಿರುವ ಗ್ರಂಥಪಾಲಕರ ಕಪಾಟಿನಲ್ಲಿದೆ.

ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆಗೂ ಅಂಜದ ಅಪ್ಪನೊಬ್ಬ ವಕೀಲರ ಬಳಿಗೆ ಹೋದನೆನ್ನಿ. ಅವರು ಮೊದಲು ಕೇಳುವುದು ಮೂಲ ರಸೀದಿಯನ್ನು. ಅದು ಅರ್ಜಿಗೆ ಲಗತ್ತಾಗಿ ಕಾಲೇಜಿನಲ್ಲೇ ಉಳಿದಿದೆ. ನಕಲು ಬೇಕೆಂದರೆ ಪ್ರತ್ಯೇಕ ಶುಲ್ಕ ಕಟ್ಟಬೇಕು. ಕಟ್ಟಿದ್ದಕ್ಕೆ ಗುಮಾಸ್ತರು ಪ್ರಾಮಾಣಿಕವಾಗಿ ಹೊಸದೊಂದು ರಸೀದಿ ಕೊಡುತ್ತಾರೆ; ತಿರುಗಿಸಿದರೆ ಅದರ ಬೆನ್ನ ಮೇಲೂ ಇರುವೆಗಳು ಸಾಲುಗಟ್ಟಿ ಹೊರಟಿವೆ.